ಗೆರೆಯಾಚೆಯ ಎಸೆತ: ಮೂರಂಕದ ದಾಖಲೆಗಳ ಚಾರಿತ್ರಿಕ ವಿವೇಚನೆ

ಅಮೆರಿಕದ ರಾಷ್ಟ್ರೀಯ ಬ್ಯಾಸ್ಕೆಟ್‌ಬಾಲ್ ಸಂಘವಾದ ಎನ್‌ಬಿಎಯ ದಾಖಲೆಗಳಲ್ಲಿ, ಒಂದೇ ಪಂದ್ಯದಲ್ಲಿ ಒಬ್ಬನೇ ಆಟಗಾರನು ಮೂರಂಕದ ಗೆರೆಯ ಆಚೆಯಿಂದ ಬುಟ್ಟಿಗೆ ಹಾಕಿದ ಎಸೆತಗಳ ಲೆಕ್ಕವನ್ನು ಕಾಲಾನುಕ್ರಮವಾಗಿ ಓದಿಕೊಂಡು ಹೋದರೆ, 1980ರಲ್ಲಿ 8, 1990ರಲ್ಲಿ 9, 1993ರಲ್ಲಿ 10, 1996ರಲ್ಲಿ 11, 2003ರಲ್ಲಿ 12, 2016ರಲ್ಲಿ 13, 2018ರಲ್ಲಿ 14 ಎಂದು, ಮೆಟ್ಟಲು ಕಟ್ಟಿದ ಹಾಗೆ ಒಂದೊಂದಾಗಿಯೇ ಏರುತ್ತ ಬಂದಿರುವ ಕ್ರಮವು ಗೋಚರವಾಗುತ್ತದೆ. ಇದನ್ನು ಕಂಡವರಿಗೆ, ತಲೆಮಾರಿನಿಂದ ತಲೆಮಾರಿಗೆ ಆಟಗಾರನ ಕೈ ಹೆಚ್ಚು ಹೆಚ್ಚಾಗಿ ಪಳಗುತ್ತ ಬಂದಿತೆಂಬ ಅಭಿಪ್ರಾಯ ಉಂಟಾಗುವುದು ಸಹಜವೇ ಆಗಿದೆ. ಆದರೆ ದಾಖಲೆಯ ಪಕ್ಕದಲ್ಲಿಯೇ ಇರಬೇಕಾಗಿದ್ದ ಇನ್ನೆರಡು ವಿಷಯಗಳನ್ನು, ಎಂದರೆ ಆ ದಿನ ಆತನು ಒಟ್ಟು ಎಷ್ಟು ಬಾರಿ ಎಸೆದನು, ಗೆರೆಯು ಬುಟ್ಟಿಯಿಂದ ಎಷ್ಟು ದೂರದಲ್ಲಿತ್ತು ಎಂಬುದನ್ನು ಹುಡುಕಿ ಕೂಡಿಸಿ ನೋಡಿದಲ್ಲಿ ಬೇರೊಂದು ಕಥೆಯೇ ತೆರೆದುಕೊಳ್ಳುತ್ತದೆ. ಎಸೆಯುವವನ ಕೈಗಿಂತಲೂ ಎಸೆಯಗೊಡುವವನ ಮನಸ್ಸು ಈ ಚರಿತ್ರೆಯಲ್ಲಿ ಹೆಚ್ಚಾಗಿ ಬದಲಾಯಿತೆಂಬುದೇ ಈ ಲೇಖನದ ಪ್ರತಿಪಾದ್ಯ.

ದೂರದ ಎಸೆತಕ್ಕೆ ಹೆಚ್ಚಿನ ಫಲವನ್ನು ಕೊಡಬೇಕೆಂಬ ಆಲೋಚನೆ ಬಹಳ ಹಳೆಯದು. ಹೊವಾರ್ಡ್ ಹಾಬ್ಸನ್ ಎಂಬ ತರಬೇತುದಾರನ ಪ್ರೇರಣೆಯಿಂದ 1945ರ ಫೆಬ್ರವರಿಯಲ್ಲಿ ಕೊಲಂಬಿಯ ಮತ್ತು ಫೋರ್ಡ್‌ಹ್ಯಾಂ ವಿಶ್ವವಿದ್ಯಾನಿಲಯಗಳ ನಡುವೆ ನಡೆದ ಒಂದು ಪಂದ್ಯದಲ್ಲಿ, 21 ಅಡಿಯಾಚೆಯ ಎಸೆತಕ್ಕೆ ಮೂರು ಅಂಕವೆಂದು ಪ್ರಯೋಗ ಮಾಡಿ, ಅಷ್ಟಕ್ಕೇ ಬಿಟ್ಟರು. 1961ರಲ್ಲಿ, ಹಾರ್ಲೆಮ್ ಗ್ಲೋಬ್‌ಟ್ರಾಟರ್ಸ್ ತಂಡದ ಒಡೆಯನಾಗಿ ಹೆಸರಾಗಿದ್ದ ಏಬ್ ಸೇಪರ್‌ಸ್ಟೈನನು ತಾನು ಕಟ್ಟಿದ ಅಮೆರಿಕನ್ ಬ್ಯಾಸ್ಕೆಟ್‌ಬಾಲ್ ಲೀಗ್‌ನಲ್ಲಿ 25 ಅಡಿಯ ಗೆರೆಯನ್ನು ಎಳೆಸಿದನು. ಎರಡನೆಯ ಋತು ಅರ್ಧಕ್ಕೆ ಬರುವಷ್ಟರಲ್ಲಿ ಆ ಲೀಗೇ ಮುಚ್ಚಿಹೋಯಿತು. ಆ ಗೆರೆಯನ್ನು ಮತ್ತೆ ಎತ್ತಿ ಹಿಡಿದು ಬದುಕಿಸಿದ ಯಶಸ್ಸು 1967ರಲ್ಲಿ ಹುಟ್ಟಿದ ಎಬಿಎ ಎಂಬ ಪ್ರತಿಸ್ಪರ್ಧಿ ಸಂಸ್ಥೆಗೂ ಅದರ ಆಯುಕ್ತನಾಗಿದ್ದ ಜಾರ್ಜ್ ಮೈಕನ್‌ಗೂ ಸಲ್ಲತಕ್ಕದ್ದು. ಈ ಮೈಕನನು ತನ್ನ ಆಟದ ದಿನಗಳಲ್ಲಿ ಬುಟ್ಟಿಯ ಕೆಳಗೆ ನಿಂತೇ ಎದುರಾಳಿಗಳನ್ನು ಹಣ್ಣುಗಾಯಿ ಮಾಡುತ್ತಿದ್ದ ದೈತ್ಯನು; ಆತನ ಹಾವಳಿಯನ್ನು ತಡೆಯಲೆಂದೇ ಎನ್‌ಬಿಎಯವರು 1951ರಲ್ಲಿ ಬುಟ್ಟಿಯ ಮುಂದಿನ ನಿಷಿದ್ಧ ಪಟ್ಟಿಯ ಅಗಲವನ್ನು 6 ಅಡಿಯಿಂದ 12 ಅಡಿಗೆ ಏರಿಸಿದ್ದರು. ಅಂಥವನೇ ದೂರದ ಎಸೆತದ ಪೋಷಕನಾದದ್ದು ವಿಧಿಯ ವಿನೋದವೆನ್ನಬೇಕು.

ಎಬಿಎಯ ಮೊದಲನೆಯ ಋತುವಿನಲ್ಲಿಯೇ ನಡೆದ ಎರಡು ಸಂಗತಿಗಳನ್ನು ಇಲ್ಲಿ ಸ್ವಲ್ಪ ವಿಸ್ತರಿಸಿ ಹೇಳಬೇಕಾಗಿದೆ. 1967ರ ನವೆಂಬರ್ 13ರಂದು ಡಲ್ಲಾಸ್‌ನಲ್ಲಿ, ಇಂಡಿಯಾನ ಪೇಸರ್ಸ್ ತಂಡವು 116ಕ್ಕೆ 118ರಿಂದ ಹಿಂದೆ ಬಿದ್ದು, ಆಟ ಮುಗಿಯಲು ಕೇವಲ ಒಂದು ಸೆಕೆಂಡು ಉಳಿದಿದ್ದಾಗ, ಜೆರಿ ಹಾರ್ಕ್‌ನೆಸ್ ಎಂಬ ಆಟಗಾರನು ತನ್ನ ಕಡೆಯ ಅಂಚಿನಲ್ಲಿಯೇ ನಿಂತು, ಬೇರೆ ದಾರಿಯಿಲ್ಲದೆ, ಚೆಂಡನ್ನು ಇಡೀ ಅಂಕಣದ ಉದ್ದಕ್ಕೂ ಬೀಸಿ ಒಗೆದನು. ಚೆಂಡು ಎದುರು ತುದಿಯ ಬುಟ್ಟಿಗೆ ಬಿತ್ತು. ಪಂದ್ಯ ಸಮವಾಯಿತು, ಇನ್ನು ಹೆಚ್ಚುವರಿ ಅವಧಿಯ ಆಟ ಎಂದುಕೊಂಡು ಆಟಗಾರರು ಸಜ್ಜಾಗುತ್ತಿರಲಾಗಿ, ಅದು ಗೆರೆಯಾಚೆಯ ಎಸೆತವಾದ್ದರಿಂದ ಮೂರು ಅಂಕ ಸಲ್ಲುವುದೆಂದೂ 119–118ರಿಂದ ಪಂದ್ಯ ಮುಗಿದೇ ಹೋಯಿತೆಂದೂ ಅಂಪೈರು ನೆನಪಿಸಬೇಕಾಯಿತು. 94 ಅಡಿ ಉದ್ದದ ಅಂಕಣದಲ್ಲಿ 92 ಅಡಿಯ ಎಸೆತವೆಂದು ಅದು ದಾಖಲೆಗೆ ಸೇರಿತು. ಅಷ್ಟಿರಲಿಲ್ಲ, 88 ಅಡಿಯಿದ್ದೀತೆಂಬ ಗಣನೆಯೂ ಉಂಟು. ನಿಯಮವು ಜಾರಿಗೆ ಬಂದಿದ್ದರೂ ಆಡುವವರ ಬುದ್ಧಿಯೊಳಕ್ಕೆ ಇನ್ನೂ ಇಳಿದಿರಲಿಲ್ಲವೆಂಬುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷ್ಯ ಬೇಕಿಲ್ಲ.

ಎರಡನೆಯದು, 1968ರ ಫೆಬ್ರವರಿ 15ರಂದು ಅನಾಹೈಮ್ ಅಮಿಗೋಸ್ ತಂಡದ ಲೆಸ್ ಸೆಲ್ವೇಜನು ಒಂದೇ ಪಂದ್ಯದಲ್ಲಿ ಮೂರಂಕದ 10 ಎಸೆತಗಳನ್ನು ಬುಟ್ಟಿಗೆ ಹಾಕಿದ ಸಂಗತಿ. ಎನ್‌ಬಿಎಯಲ್ಲಿ ಹತ್ತರ ಸಂಖ್ಯೆಯನ್ನು ಮುಟ್ಟುವುದಕ್ಕೆ 1993ರ ಏಪ್ರಿಲ್‌ವರೆಗೆ, ಮಯಾಮಿ ತಂಡದ ಬ್ರಯಾನ್ ಷಾ ಬರುವವರೆಗೆ, ಕಾಯಬೇಕಾಯಿತು. ಹಾಗಾದರೆ ಸೆಲ್ವೇಜನು ತನ್ನ ಕಾಲಕ್ಕಿಂತ 25 ವರ್ಷ ಮುಂದಿದ್ದ ಅಪ್ರತಿಮ ಗುರಿಕಾರನೇ ಎಂದು ಕೇಳಿದರೆ, ಉತ್ತರವು ಆ ದಿನ ಆತನು ಒಟ್ಟು ಎಸೆದ 26 ಎಸೆತಗಳಲ್ಲಿದೆ. ಹತ್ತು ಬಿದ್ದವು, ಹದಿನಾರು ತಪ್ಪಿದವು. ತಪ್ಪಿದ ಆ ಹದಿನಾರನ್ನು ಸಹಿಸಿಕೊಂಡು ಇನ್ನೂ ಎಸೆ ಎನ್ನುವ ತಂಡವೊಂದು ಆ ಕಾಲದಲ್ಲಿ ಇದ್ದದ್ದೇ ವಿಶೇಷ. ಎಬಿಎಯ ಅಂಕಿಗಳನ್ನು ಎನ್‌ಬಿಎಯವರು ತಮ್ಮ ದಾಖಲೆಗೆ ಸೇರಿಸಿಕೊಳ್ಳದಿರುವುದರಿಂದ ಸೆಲ್ವೇಜನ ಹೆಸರು ಮರೆಯಾಗಿದೆ. ಚರಿತ್ರಕಾರನಿಗೆ ಈ ಪಂಕ್ತಿಭೇದ ಸಮ್ಮತವಾಗಬೇಕಾಗಿಲ್ಲ.

1979ರಲ್ಲಿ ಎನ್‌ಬಿಎಯು ಈ ಗೆರೆಯನ್ನು ಅಂಗೀಕರಿಸಿತು. ಅಂಕಣದ ಮುಂಭಾಗದಲ್ಲಿ 23 ಅಡಿ 9 ಅಂಗುಲ, ಮೂಲೆಗಳಲ್ಲಿ 22 ಅಡಿ. ಆ ವರ್ಷದ ಅಕ್ಟೋಬರ್ 12ರಂದು ಬಾಸ್ಟನ್ ಸೆಲ್ಟಿಕ್ಸ್ ತಂಡದ ಕ್ರಿಸ್ ಫೋರ್ಡನು ಹಾಕಿದ ಎಸೆತವೇ ಅಲ್ಲಿನ ಮೊದಲನೆಯದೆಂದು ಪ್ರಸಿದ್ಧವಾಗಿದೆ. ಆದರೆ ಅಂಗೀಕಾರವೆಂಬುದು ಬೇರೆ, ಆದರವೆಂಬುದು ಬೇರೆ. ಆ ಋತುವಿನಲ್ಲಿ ಒಂದೊಂದು ತಂಡವೂ ಒಂದು ಪಂದ್ಯಕ್ಕೆ ಸರಾಸರಿ 2.8 ಬಾರಿ ಮಾತ್ರ ಗೆರೆಯಾಚೆಯಿಂದ ಎಸೆಯಿತು, ಅದರಲ್ಲಿ ನೂರಕ್ಕೆ 28 ಮಾತ್ರ ಫಲಿಸಿತು. ಇಂತಹ ಕಾಲದಲ್ಲಿ, 1980ರ ಫೆಬ್ರವರಿ 9ರಂದು, ದಂಡದೆಸೆತಗಳನ್ನು ತೊಡೆಯ ಮಟ್ಟದಿಂದ ಎರಡು ಕೈಗಳಲ್ಲಿ ತೂಗಿ ಹಾಕುತ್ತಿದ್ದುದಕ್ಕೇ ಹೆಸರಾಗಿದ್ದ ಹ್ಯೂಸ್ಟನ್ನಿನ ರಿಕ್ ಬ್ಯಾರಿಯು, ನಿವೃತ್ತಿಯ ಹೊಸ್ತಿಲಲ್ಲಿದ್ದಾಗಲೇ, ಯೂಟಾ ತಂಡದ ಮೇಲೆ 8 ಎಸೆತಗಳನ್ನು ಹಾಕಿದನು. ಆತನು ಎಬಿಎಯಲ್ಲಿ ಆಡಿ ಬಂದವನೆಂಬುದನ್ನು ಮರೆಯಬಾರದು. ಗೆರೆಯ ಅಭ್ಯಾಸವಿದ್ದವನಿಗೆ ಗೆರೆಯ ಭಯವಿರಲಿಲ್ಲ. ಈ ಎಂಟನ್ನು ದಾಟಲು ಹತ್ತು ವರ್ಷ ಹಿಡಿಯಿತು.

ಗಣಿತವು ಮಾತ್ರ ಮೊದಲಿನಿಂದಲೂ ಸರಳವಾಗಿಯೇ ಇತ್ತು. ಎರಡಂಕದ ಎಸೆತ ನೂರಕ್ಕೆ 50 ಬಿದ್ದರೆ ಎಷ್ಟು ಫಲವೋ, ಮೂರಂಕದ ಎಸೆತ ನೂರಕ್ಕೆ 34 ಬಿದ್ದರೆ ಅದಕ್ಕಿಂತ ಕೊಂಚ ಹೆಚ್ಚೇ ಫಲ. ಪ್ರಾಥಮಿಕ ಶಾಲೆಯ ಹುಡುಗನೂ ಮಾಡಬಲ್ಲ ಈ ಲೆಕ್ಕವನ್ನು ತರಬೇತುದಾರರು ಒಪ್ಪಿಕೊಳ್ಳಲು ಒಂದು ತಲೆಮಾರೇ ಕಳೆಯಬೇಕಾಯಿತೆಂಬುದು, ಅಭ್ಯಾಸಬಲದ ಮುಂದೆ ಅಂಕಗಣಿತವು ಎಷ್ಟು ದುರ್ಬಲವೆಂಬುದನ್ನು ತೋರಿಸುತ್ತದೆ.

1994ರಿಂದ 1997ರವರೆಗಿನ ಮೂರು ಋತುಗಳು ಸಂಶೋಧಕನಿಗೆ ತೊಡಕಿನವು. ಅಂಕಗಳು ಕಡಮೆಯಾಗುತ್ತಿವೆಯೆಂಬ ಆತಂಕದಿಂದ ಎನ್‌ಬಿಎಯವರು ಗೆರೆಯನ್ನು ಎಲ್ಲೆಡೆಯೂ 22 ಅಡಿಗೆ ಇಳಿಸಿದರು. ತತ್‌ಕ್ಷಣವೇ ಒಂದು ಪಂದ್ಯಕ್ಕೆ ಒಂದು ತಂಡದ ಎಸೆತಗಳು ಸುಮಾರು 10ರಿಂದ 15ಕ್ಕೆ ಜಿಗಿದವು. ಜೋ ಡುಮಾರ್ಸ್ ಮತ್ತು ಜಾರ್ಜ್ ಮಕ್‌ಲೌಡ್ ತಲಾ 10 ಹಾಕಿದ ಪಂದ್ಯಗಳೂ, ಜಾನ್ ಸ್ಟಾರ್ಕ್ಸ್ ಒಂದು ಋತುವಿನಲ್ಲಿ ಮೊಟ್ಟಮೊದಲಿಗೆ 200ರ ಗಡಿ ದಾಟಿ 217ಕ್ಕೆ ಮುಟ್ಟಿದ್ದೂ, ಒರ್ಲಾಂಡೊ ತಂಡದ ಡೆನಿಸ್ ಸ್ಕಾಟನು 1996ರ ಏಪ್ರಿಲ್ 18ರಂದು 11 ಎಸೆತಗಳ ಹೊಸ ದಾಖಲೆ ಮಾಡಿ ಅದೇ ಋತುವಿನಲ್ಲಿ ಒಟ್ಟು 267ಕ್ಕೆ ಏರಿದ್ದೂ ಈ ಮೊಟಕು ಗೆರೆಯ ಕಾಲದಲ್ಲಿಯೇ. ಗೆರೆಯು ಹಿಂದಕ್ಕೆ ಹೋದ ಮೇಲೆ ಸ್ಕಾಟನ 267ನ್ನು ಮೀರಲು ರೇ ಅಲೆನನಂತಹ ಸಮರ್ಥನಿಗೂ 2006ರವರೆಗೆ ಸಾಧ್ಯವಾಗಲಿಲ್ಲ. ಆಗಲೂ ಮೀರಿದ್ದು ಎರಡರಿಂದ ಮಾತ್ರ. ದೂರವನ್ನು ನಮೂದಿಸದೆ ಸಂಖ್ಯೆಯನ್ನು ಮಾತ್ರ ಹೇಳುವ ದಾಖಲೆಯು ಅಳತೆಗೋಲನ್ನೇ ಬಚ್ಚಿಟ್ಟುಕೊಂಡು ಅಳತೆಯನ್ನು ಸಾರಿದಂತೆ. ಅಂತರರಾಷ್ಟ್ರೀಯ ಆಟಗಳಲ್ಲಿಯೂ, ನಮ್ಮ ಬೆಂಗಳೂರು ಮೈಸೂರುಗಳ ಪಂದ್ಯಗಳಲ್ಲಿಯೂ ಅನುಸರಿಸುವ, ಫಿಬಾ ಎಂಬ ಅಂತರರಾಷ್ಟ್ರೀಯ ಸಂಸ್ಥೆಯ ಗೆರೆಯು 1984ರಲ್ಲಿ 6.25 ಮೀಟರಿನಲ್ಲಿ ಆರಂಭವಾಗಿ 2010ರಲ್ಲಿ 6.75ಕ್ಕೆ ಸರಿಯಿತು, ಎನ್‌ಬಿಎಯ ಗೆರೆ ಇದಕ್ಕಿಂತ ಸುಮಾರು ಅರ್ಧ ಮೀಟರು ಆಚೆಗಿದೆಯಾದ್ದರಿಂದ ಎರಡರ ದಾಖಲೆಗಳನ್ನು ಒಂದೇ ತಕ್ಕಡಿಯಲ್ಲಿಡುವುದು ಸಲ್ಲದು.

2003ರ ಜನವರಿ 7ರಂದು ಲಾಸ್ ಏಂಜಲಿಸ್‌ನ ಕೋಬಿ ಬ್ರಯಂಟನು ಸಿಯಾಟಲ್ ತಂಡದ ಮೇಲೆ 18ರಲ್ಲಿ 12, ಅದರಲ್ಲಿ 9 ಎಡೆಬಿಡದೆ, ಹಾಕಿದನು. 2005ರ ಮಾರ್ಚಿಯಲ್ಲಿ ಟೊರಾಂಟೋದ ಡೊನ್ಯೆಲ್ ಮಾರ್ಷಲನು, ಬದಲಿ ಆಟಗಾರನಾಗಿ ಬಂದು, 19ರಲ್ಲಿ 12 ಹಾಕಿ ಸರಿಗಟ್ಟಿದನು. ಇವರಿಬ್ಬರಲ್ಲಿ ಯಾರನ್ನೂ ಮೂರಂಕದ ಎಸೆತದ ಆಚಾರ್ಯರೆಂದು ಯಾರೂ ಎಣಿಸುವುದಿಲ್ಲ. ಆಚಾರ್ಯಸ್ಥಾನದಲ್ಲಿದ್ದ ರೆಜಿ ಮಿಲ್ಲರನಾಗಲಿ, ಆತನ ಜೀವಮಾನದ 2,560ನ್ನು 2011ರಲ್ಲಿ ದಾಟಿ 2,973ಕ್ಕೆ ನಿಲ್ಲಿಸಿದ ರೇ ಅಲೆನನಾಗಲಿ, ಒಂದು ಪಂದ್ಯದ ದಾಖಲೆಯನ್ನು ಎಂದೂ ಹಿಡಿದವರಲ್ಲ. ಒಂದು ರಾತ್ರಿಯ ದಾಖಲೆಯಲ್ಲಿ ಅದೃಷ್ಟದ ಪಾಲು ಹಿರಿದು. ಜೀವಮಾನದ ದಾಖಲೆಯಲ್ಲಿ ಅದರ ಪಾಲು ಶೂನ್ಯಕ್ಕೆ ಸಮೀಪ.

ಇನ್ನು ನನ್ನ ಪ್ರತಿಪಾದನೆಗೆ ಮುಖ್ಯ ಆಧಾರವಾಗಿರುವ ಜೋಡಿಯನ್ನು ನೋಡೋಣ. ಸ್ಟೀವ್ ಕೆರ್ ಎಂಬ ಆಟಗಾರನು 1988ರಿಂದ 2003ರವರೆಗೆ 15 ಋತುಗಳಲ್ಲಿ ಮೂರಂಕದ 1,599 ಎಸೆತಗಳನ್ನು ಎಸೆದು 726ನ್ನು ಬುಟ್ಟಿಗೆ ಹಾಕಿದನು, ನೂರಕ್ಕೆ 45.4ರ ಈ ಪ್ರಮಾಣವು ಜೀವಮಾನದ ಲೆಕ್ಕದಲ್ಲಿ ಎನ್‌ಬಿಎಯಲ್ಲಿಯೇ ಅತ್ಯುನ್ನತವಾದುದು. ಗೋಲ್ಡನ್ ಸ್ಟೇಟ್ ತಂಡದ ಸ್ಟೀಫನ್ ಕರ್ರಿಯು 2015–16ರ ಒಂದೇ ಋತುವಿನಲ್ಲಿ 886 ಎಸೆದು 402 ಹಾಕಿದನು. ಇದರ ಪ್ರಮಾಣವೂ ನೂರಕ್ಕೆ 45.4. ಗುರಿಯ ನಿಖರತೆಯಲ್ಲಿ ಇಬ್ಬರಿಗೂ ಕೂದಲೆಳೆಯ ಅಂತರವೂ ಇಲ್ಲ. ಒಬ್ಬನು 15 ವರ್ಷಗಳಲ್ಲಿ ಎಸೆದ ಎಸೆತಗಳ ಅರ್ಧಕ್ಕಿಂತ ಹೆಚ್ಚನ್ನು ಇನ್ನೊಬ್ಬನು ಆರು ತಿಂಗಳಲ್ಲಿ ಎಸೆದನು. ಕರ್ರಿಗೆ ಆ ಸ್ವಾತಂತ್ರ್ಯವನ್ನು ಕೊಟ್ಟ ತರಬೇತುದಾರನು ಬೇರಾರೂ ಅಲ್ಲ, ಈ ಕೆರ್ರೇ. ಕರ್ರಿಯು ಚೆಂಡನ್ನು ತಾನೇ ಬಡಿದುಕೊಂಡು ಬಂದು, ರಕ್ಷಕನು ಎದುರಿಗಿದ್ದಂತೆಯೇ ಎಸೆಯುತ್ತಿದ್ದನು. ಕೆರ್ ಬಹುಮಟ್ಟಿಗೆ ಪರರು ಒದಗಿಸಿದ ಬಿಡುವಿನಲ್ಲಿ ಎಸೆದವನು. ಆದ್ದರಿಂದ ಕೈಚಳಕದಲ್ಲಿ ಕರ್ರಿಯೇ ಮೇಲೆಂಬುದನ್ನು ನಾನು ನಿರಾಕರಿಸುವುದಿಲ್ಲ. ಆದರೂ 2016ರ ಫೆಬ್ರವರಿ 27ರಂದು ಒಕ್ಲಹೋಮ ಸಿಟಿಯಲ್ಲಿ, ಹೆಚ್ಚುವರಿ ಅವಧಿಯ ಕೊನೆಯ ಕ್ಷಣದಲ್ಲಿ ಅಂಕಗಳು ಸಮವಾಗಿದ್ದಾಗ, ಆಟ ನಿಲ್ಲಿಸಿ ಆಲೋಚನೆ ಮಾಡುವ ಗೋಜಿಗೇ ಹೋಗದೆ, ಗೆರೆಯಿಂದಲೂ ಬಹುದೂರ ಹಿಂದೆ ನಿಂತು ಆತನು ತನ್ನ 12ನೆಯ ಎಸೆತವನ್ನು ಎಸೆದು ಗೆಲ್ಲಿಸಿದನಲ್ಲ, ಹಿಂದಿನ ತಲೆಮಾರಿನಲ್ಲಿ ಅಂಥದ್ದನ್ನು ಎಸೆದವನು ತಪ್ಪಿದ್ದರೆ ಮರುದಿನ ಬೆಂಚಿನ ಮೇಲೆ ಕೂರುತ್ತಿದ್ದನು. ಅದೇ ವರ್ಷದ ನವೆಂಬರ್ 4ರಂದು ಕರ್ರಿ 10 ಎಸೆದು 10ನ್ನೂ ತಪ್ಪಿ, ಪಂದ್ಯಕ್ಕೆ ಒಂದನ್ನಾದರೂ ಹಾಕುತ್ತ 157 ಪಂದ್ಯಗಳಿಂದ ಕಾಯ್ದುಕೊಂಡು ಬಂದಿದ್ದ ಸರಣಿಯನ್ನು ಕಳೆದುಕೊಂಡನು; ಮೂರು ದಿನ ಕಳೆದು ನ್ಯೂ ಆರ್ಲಿಯನ್ಸ್ ಮೇಲೆ 17ರಲ್ಲಿ 13 ಹಾಕಿ ಹೊಸ ದಾಖಲೆ ಬರೆದನು.

ಆ ಹದಿಮೂರನ್ನು ಮುರಿದವನು ಆತನ ಸಹಆಟಗಾರನೇ ಆದ ಕ್ಲೇ ಥಾಂಪ್ಸನ್. 2018ರ ಅಕ್ಟೋಬರ್ 29ರ ಷಿಕಾಗೋ ಪಂದ್ಯಕ್ಕೆ ಮುಂಚಿನ ಏಳು ಪಂದ್ಯಗಳಲ್ಲಿ ಥಾಂಪ್ಸನನು 36 ಎಸೆದು ಹಾಕಿದ್ದು ಕೇವಲ 5. ಅಷ್ಟು ಸೋತ ಕೈಗೆ ಆ ರಾತ್ರಿಯೂ ಚೆಂಡು ಬರುತ್ತಲೇ ಇತ್ತು. ಮೊದಲರ್ಧದಲ್ಲಿಯೇ 10 ಬಿದ್ದವು, ತಂಡದ ಮೊತ್ತ ಅಷ್ಟರಲ್ಲಿ 92ಕ್ಕೆ ಏರಿತ್ತು. ಅಲ್ಲಿಂದ ಮುಂದೆ ಸಂಗಡಿಗರು ತಮ್ಮ ಆಟವನ್ನು ಬಿಟ್ಟು ಆತನನ್ನೇ ಹುಡುಕಿ ಚೆಂಡು ಕೊಡತೊಡಗಿದರು. ಮೂರನೆಯ ಕ್ವಾರ್ಟರಿನಲ್ಲಿ 14ನೆಯದು ಬಿದ್ದಾಗ ದಾಖಲೆ ಕಳೆದುಕೊಂಡ ಕರ್ರಿಯೇ ಎಲ್ಲರಿಗಿಂತ ಹೆಚ್ಚು ಸಂಭ್ರಮಿಸಿದನು. ಒಟ್ಟು 24 ಎಸೆತ, 52 ಅಂಕ, 27 ನಿಮಿಷ. ನಾಲ್ಕನೆಯ ಕ್ವಾರ್ಟರನ್ನು ಆತನು ಆಡಲೇ ಇಲ್ಲ. ಥಾಂಪ್ಸನನ ರೀತಿಯೇ ಮಿತವ್ಯಯದ್ದು: 2016ರ ಡಿಸೆಂಬರಿನಲ್ಲಿ ಇಂಡಿಯಾನದ ಮೇಲೆ 60 ಅಂಕ ಗಳಿಸಿದ ದಿನ ಚೆಂಡು ಆತನ ಕೈಯಲ್ಲಿದ್ದುದು ಒಟ್ಟು ಒಂದೂವರೆ ನಿಮಿಷ, ನೆಲಕ್ಕೆ ಬಡಿದದ್ದು 11 ಸಲ.

ಅನುಮತಿಯೆಂಬುದು ಮಿತಿ ಮೀರಿದರೆ ಏನಾಗುವುದೆಂಬುದಕ್ಕೆ ಅಮೆರಿಕದ ಕಾಲೇಜು ಆಟದಲ್ಲಿ ನಿದರ್ಶನವಿದೆ. ಅಲ್ಲಿನ ಮೊದಲ ದರ್ಜೆಯಲ್ಲಿ ಮಾರ್ಷಲ್ ವಿಶ್ವವಿದ್ಯಾನಿಲಯದ ಕೀತ್ ವೀನಿಯು 1996ರಲ್ಲಿ 15 ಹಾಕಿ ದಾಖಲೆ ಮಾಡಿದನು. ಆದರೆ ಕೆಳಗಿನ ದರ್ಜೆಯ ಗ್ರಿನೆಲ್ ಕಾಲೇಜಿನ ಜ್ಯಾಕ್ ಟೇಲರನು 2012ರ ನವೆಂಬರ್ 20ರಂದು ಮೂರಂಕದ 71 ಎಸೆತಗಳನ್ನು ಎಸೆದು 27 ಹಾಕಿ, ಒಟ್ಟು 138 ಅಂಕ ಪಡೆದನು. ಇದನ್ನು ಸಾಹಸವೆನ್ನಬಹುದು, ಕುತೂಹಲವೆನ್ನಬಹುದು. ಸ್ಪರ್ಧೆಯೆನ್ನಲು ನನಗೆ ಮನಸ್ಸು ಬಾರದು.

ಇಷ್ಟಾದ ಮೇಲೆ ಒಂದು ಸಮಸ್ಯೆ ಉಳಿಯುತ್ತದೆ. 2024–25ರ ಹೊತ್ತಿಗೆ ಒಂದೊಂದು ತಂಡವೂ ಪಂದ್ಯಕ್ಕೆ 37ಕ್ಕಿಂತ ಹೆಚ್ಚು ಬಾರಿ ಗೆರೆಯಾಚೆಯಿಂದ ಎಸೆಯುತ್ತಿದೆ. ಸಾಫಲ್ಯವು 1990ರ ದಶಕದ ನಡುವಿನಿಂದ ಈಚೆಗೆ ನೂರಕ್ಕೆ 35–36ರ ಆಸುಪಾಸಿನಲ್ಲಿಯೇ ನಿಂತಿದೆ. ಕರ್ರಿಯು 2021ರ ಡಿಸೆಂಬರ್ 14ರಂದು ನ್ಯೂಯಾರ್ಕಿನಲ್ಲಿ, ಅಲೆನ್ ಮತ್ತು ಮಿಲ್ಲರ್ ಇಬ್ಬರೂ ನೋಡುತ್ತಿದ್ದಂತೆ, ಅಲೆನನ 1,300 ಪಂದ್ಯಗಳ ಗಳಿಕೆಯನ್ನು ತನ್ನ 789ನೆಯ ಪಂದ್ಯದಲ್ಲಿಯೇ ದಾಟಿ, 2025ರ ಮಾರ್ಚಿಯಲ್ಲಿ 4,000ಕ್ಕೆ ಮುಟ್ಟಿದನು. ಎಲ್ಲವೂ ಬೆಳೆದಿರಲು, ಥಾಂಪ್ಸನನ 14 ಮಾತ್ರ ಆ ಋತು ಮುಗಿಯುವವರೆಗೂ ಅಲುಗಲಿಲ್ಲ. ಷಿಕಾಗೋದ ಜ್ಯಾಕ್ ಲವೀನ್ 2019ರಲ್ಲಿಯೂ ಪೋರ್ಟ್‌ಲಂಡಿನ ಡೇಮಿಯನ್ ಲಿಲ್ಲರ್ಡ್ 2023ರಲ್ಲಿಯೂ 13ಕ್ಕೆ ನಿಂತರು. ನನಗೆ ತೋರುವ ಕಾರಣವಿದು: ಹಿಂದೆ ಒಬ್ಬಿಬ್ಬರಿಗೆ ಮೀಸಲಾಗಿದ್ದ ಅನುಮತಿಯು ಈಗ ತಂಡದ ಎಲ್ಲರಿಗೂ ಹಂಚಿಹೋಗಿದೆ. 2020ರ ಡಿಸೆಂಬರ್ 29ರಂದು ಮಿಲ್‌ವಾಕಿ ತಂಡವು ಮಯಾಮಿಯ ಮೇಲೆ 29 ಎಸೆತಗಳನ್ನು ಹಾಕಿ ತಂಡದ ದಾಖಲೆ ಮಾಡಿದಾಗ ಆ ಮೊತ್ತಕ್ಕೆ 12 ಮಂದಿಯ ಕಾಣಿಕೆಯಿತ್ತು. ಹಾಕದೆ ಉಳಿದವನು ಅವರ ಮುಖ್ಯ ಆಟಗಾರನಾದ ಯಾನಿಸ್ ಆಂಟೆಟೊಕೌಂಪೊ ಒಬ್ಬನೇ. 2024ರ ಅಕ್ಟೋಬರ್ 22ರಂದು ಬಾಸ್ಟನ್ ತಂಡವು ನ್ಯೂಯಾರ್ಕಿನ ಮೇಲೆ 29ನ್ನು ಸರಿಗಟ್ಟಿತು. ಗೆಲುವು ಆಗಲೇ ಕೈಗೆ ಬಂದಿದ್ದು, ಎಸೆಯಲು ಯಾರ ಅಡ್ಡಿಯೂ ಇಲ್ಲದಿದ್ದುದರಿಂದ, 30ನೆಯದಕ್ಕಾಗಿ ಬದಲಿ ಆಟಗಾರರು ಒಬ್ಬರಾದ ಮೇಲೊಬ್ಬರು ಎಸೆಯುತ್ತಲೇ ಹೋದರು. ಕೊನೆಯ 13 ಎಸೆತಗಳಲ್ಲಿ ಒಂದೂ ಬುಟ್ಟಿಗೆ ಬೀಳಲಿಲ್ಲ.