ಎರಡನೆಯ ಹಗ್ಗ: ಎತ್ತರದ ಕೆಲಸ ಒಂದು ಶಿಸ್ತಾದ ಬಗೆ

ಸಾರುವೆ ಕಟ್ಟಲಾಗದ, ಕ್ರೇನು ತಲುಪದ ಜಾಗಕ್ಕೆ ಹಗ್ಗದ ಮೇಲೆ ಇಳಿದು ಅಥವಾ ಏರಿ, ಅಲ್ಲೇ ತೂಗುತ್ತ ಕೆಲಸ ಮಾಡುವ ವಿಧಾನಕ್ಕೆ ಕೈಗಾರಿಕೆಯಲ್ಲಿ ರೋಪ್ ಆಕ್ಸೆಸ್ ಎಂಬ ಹೆಸರಿದೆ. ಸಮುದ್ರದ ತೈಲ ವೇದಿಕೆ, ಸೇತುವೆ, ಅಣೆಕಟ್ಟು, ಕಾರ್ಖಾನೆಯ ಚಿಮಣಿ, ಗಾಜು ಹೊದ್ದ ಬಹುಮಹಡಿ ಕಟ್ಟಡ, ಗಾಳಿಯಂತ್ರದ ರೆಕ್ಕೆ ಇವುಗಳ ತಪಾಸಣೆ, ದುರಸ್ತಿ, ಬಣ್ಣ, ಶುಚಿಗೊಳಿಸುವ ಕೆಲಸಗಳಲ್ಲಿ ಇದು ಬಳಕೆಯಲ್ಲಿದೆ. ಹಗ್ಗ ಹಿಡಿದು ಇಳಿಯುವುದು ಬಹಳ ಹಳೆಯ ವಿದ್ಯೆ. ಅದು ನಿಯಮಕ್ಕೊಳಪಟ್ಟ ಕಸುಬಾದದ್ದು ಮಾತ್ರ 1980ರ ದಶಕದಿಂದ ಈಚೆಗೆ. ಹಗ್ಗ ಹರಿಯಬಹುದು, ಉಪಕರಣ ಕೈಕೊಡಬಹುದು, ಪಳಗಿದ ಕೈಯೂ ತಪ್ಪಬಹುದು, ಆದ್ದರಿಂದ ಯಾವ ಒಂದರ ಮೇಲೂ ಜೀವವನ್ನು ಪೂರ್ತಿ ಬಿಡಬಾರದು ಎಂಬ ತಿಳಿವಳಿಕೆ ಈ ಕಸುಬಿನ ಬುನಾದಿ. ಅದರ ಇತಿಹಾಸವೆಂದರೆ ಈ ತಿಳಿವಳಿಕೆ ಮೂಡಿ, ಉಪಕರಣಕ್ಕೂ ತರಬೇತಿಗೂ ಕಾನೂನಿಗೂ ಇಳಿದುಬಂದ ಕಥೆ.

ಒಂದೇ ಹಗ್ಗದ ಕಾಲ

ಹಗ್ಗಕ್ಕೆ ಹಲಗೆ ಕಟ್ಟಿ, ಅದರ ಮೇಲೆ ಕೂತು ಹಡಗಿನ ಪಟಸ್ತಂಭವನ್ನೋ ಇಗರ್ಜಿಯ ಗೋಪುರವನ್ನೋ ದುರಸ್ತಿ ಮಾಡುವುದು ಯುರೋಪಿನ ಹಳೆಯ ಪದ್ಧತಿ. ಅಲ್ಲಿ ಕೆಲಸಗಾರನ ರಕ್ಷಣೆಗಿದ್ದದ್ದು ಅವನ ಧೈರ್ಯ, ಅಭ್ಯಾಸ ಮತ್ತು ಆ ಒಂದು ಹಗ್ಗ. ಇಪ್ಪತ್ತನೆಯ ಶತಮಾನದ ಭಾರಿ ನಿರ್ಮಾಣಗಳು ಇದೇ ಪದ್ಧತಿಯನ್ನು ದೊಡ್ಡ ಪ್ರಮಾಣದಲ್ಲಿ ಬಳಸಿದವು.

1931ರಲ್ಲಿ ಅಮೆರಿಕದ ಕೊಲರಾಡೋ ನದಿಗೆ ಹೂವರ್ ಅಣೆಕಟ್ಟಿನ ಕೆಲಸ ಆರಂಭವಾದಾಗ, ಮೊದಲು ಕಣಿವೆಯ ಎರಡೂ ಬದಿಯ ಬಂಡೆಗಳಿಂದ ಸಡಿಲ ಕಲ್ಲನ್ನು ಕಿತ್ತುಹಾಕಬೇಕಾಯಿತು. ಆ ಕೆಲಸಕ್ಕಿಳಿದವರಿಗೆ ಹೈಸ್ಕೇಲರ್‌ಗಳೆಂದು ಹೆಸರು. ಅಂಚಿನಿಂದ ಇಳಿಬಿಟ್ಟ ಹಗ್ಗದಲ್ಲಿ ತೂಗುತ್ತ ಜಾಕ್‌ಹ್ಯಾಮರಿನಿಂದ ಬಂಡೆ ಕೊರೆದು ಸಿಡಿಮದ್ದು ತುಂಬುವುದು ಅವರ ನಿತ್ಯದ ಕೆಲಸ. ಮೇಲಿನಿಂದ ಉದುರುವ ಕಲ್ಲಿಗೆ ಅಂಜಿ ಅವರು ಬಟ್ಟೆಯ ಟೋಪಿಗಳನ್ನು ಡಾಂಬರಿನಲ್ಲಿ ಅದ್ದಿ, ಒಣಗಿಸಿ, ಗಟ್ಟಿ ಮಾಡಿಕೊಂಡು ತೊಟ್ಟರು. ಅಂಥ ಟೋಪಿ ತೊಟ್ಟವರಿಗೆ ತಲೆಯ ಪೆಟ್ಟು ಕಡಿಮೆಯಾದದ್ದನ್ನು ಕಂಡ ಗುತ್ತಿಗೆದಾರರು ಮುಂದೆ ಗಟ್ಟಿ ಟೋಪಿಗಳನ್ನು ತರಿಸಿಕೊಟ್ಟರು. ಒಮ್ಮೆ ಬರ್ಲ್ ರಟ್ಲೆಜ್ ಎಂಬ ಎಂಜಿನಿಯರ್ ಕಣಿವೆಯ ಅಂಚಿನಿಂದ ಜಾರಿ ಬಿದ್ದ. ಕೆಳಗೆ ಹಗ್ಗದಲ್ಲಿದ್ದ ಆಲಿವರ್ ಕೋವನ್ ಬಂಡೆಯಿಂದ ಹೊರಕ್ಕೆ ತೂಗಿ ಅವನ ಕಾಲನ್ನು ಹಿಡಿದುಕೊಂಡ. ಇನ್ನೊಬ್ಬ ಹೈಸ್ಕೇಲರ್ ಆರ್ನಾಲ್ಡ್ ಪಾರ್ಕ್ಸ್ ತೂಗಿ ಬಂದು, ಮೇಲಿನಿಂದ ಹಗ್ಗ ಇಳಿಯುವವರೆಗೂ ಅವನನ್ನು ಬಂಡೆಗೆ ಒತ್ತಿ ಹಿಡಿದ. ರಟ್ಲೆಜ್ ಬದುಕಿದ. ಆದರೆ ಅವನನ್ನು ಉಳಿಸಿದ್ದು ಇಬ್ಬರು ಸಾಹಸಿಗಳ ಚಾಕಚಕ್ಯತೆ. ಅಂಥ ಹೊತ್ತಿಗೆಂದು ಮೊದಲೇ ರೂಪಿಸಿಟ್ಟ ವ್ಯವಸ್ಥೆ ಅಲ್ಲಿರಲಿಲ್ಲ. ಅಧಿಕೃತ ಲೆಕ್ಕದಂತೆ ಆ ಅಣೆಕಟ್ಟಿನ ಕೆಲಸದ ಅವಘಡಗಳಲ್ಲಿ ಸತ್ತವರು 96 ಮಂದಿ.

ಅದೇ ಕಾಲದಲ್ಲಿ ಬೇರೆ ಬಗೆಯ ಯೋಚನೆಯೂ ತಲೆಯೆತ್ತಿತ್ತು. ಮೌಂಟ್ ರಶ್‌ಮೋರ್ ಬೆಟ್ಟದಲ್ಲಿ 1927ರಿಂದ 1941ರವರೆಗೆ ಅಧ್ಯಕ್ಷರ ಮುಖಗಳನ್ನು ಕೆತ್ತಿದ ಸುಮಾರು 400 ಕೆಲಸಗಾರರು ಉಕ್ಕಿನ ಕೇಬಲ್ಲಿಗೆ ಕಟ್ಟಿದ ಪೀಠಗಳಲ್ಲಿ ಕೂತು ಇಳಿಯುತ್ತಿದ್ದರು. ಕೇಬಲ್ ಬಿಡುವ ರಾಟೆಯವನಿಗೆ ಕೆಳಗಿನವರು ಕಾಣುತ್ತಿರಲಿಲ್ಲ. ಆದ್ದರಿಂದ ನಡುವೆ ಬಂಡೆಯಂಚಿನಲ್ಲಿ ಹುಡುಗರನ್ನು ಕೂರಿಸಿ, ಕೆಳಗಿನ ಮಾತನ್ನು ಮೇಲಕ್ಕೆ ಕೂಗಿ ಹೇಳಿಸುತ್ತಿದ್ದರು. ಹದಿನಾಲ್ಕು ವರ್ಷಗಳ ಆ ಕೆಲಸದಲ್ಲಿ ಒಬ್ಬರೂ ಬಿದ್ದು ಸಾಯಲಿಲ್ಲ. ಸ್ಯಾನ್ ಫ್ರಾನ್ಸಿಸ್ಕೋದ ಗೋಲ್ಡನ್ ಗೇಟ್ ಸೇತುವೆಯ ಅಡಿಯಲ್ಲಿ ಹರಡಿದ ಬಲೆ 19 ಮಂದಿಯನ್ನು ಉಳಿಸಿತು. ಆದರೆ 1937ರ ಫೆಬ್ರುವರಿ 17ರಂದು ಕೆಲಸದ ಅಟ್ಟಣಿಗೆಯೇ ಕಳಚಿ ಬಲೆಯನ್ನು ಹರಿದುಕೊಂಡು ಬಿದ್ದು 10 ಮಂದಿ ಸತ್ತರು. ಮನುಷ್ಯ ಬೀಳಬಹುದೆಂದು ಮೊದಲೇ ಎಣಿಸಿ ಎರಡನೆಯ ಆಸರೆ ಒದಗಿಸಬೇಕು, ಆ ಆಸರೆ ಎಷ್ಟು ಭಾರ ತಡೆದೀತೆಂದು ಲೆಕ್ಕ ಹಾಕಬೇಕು ಎಂಬ ಎರಡೂ ಪಾಠಗಳು ಆ ಸೇತುವೆಯಲ್ಲಿದ್ದವು.

ಗುಹೆಗಳಿಂದ ಬಂದ ವಿದ್ಯೆ

ಇಂದಿನ ರೋಪ್ ಆಕ್ಸೆಸ್‌ನ ಕೈಚಳಕ ಹುಟ್ಟಿದ್ದು ನಿರ್ಮಾಣದ ಅಂಗಳದಲ್ಲಲ್ಲ, ಬೆಟ್ಟಗಳಲ್ಲಿ ಮತ್ತು ನೆಲದಡಿಯ ಗುಹೆಗಳಲ್ಲಿ. 1895ರಲ್ಲಿ ಫ್ರಾನ್ಸಿನ ಎದುವಾರ್ ಮಾರ್ತೆಲ್ ಇಂಗ್ಲೆಂಡಿನ ಯಾರ್ಕ್‌ಶೈರಿನ ಗೇಪಿಂಗ್ ಗಿಲ್ ಎಂಬ ಸುಮಾರು ನೂರು ಮೀಟರ್ ಆಳದ ಗುಹಾಕೂಪಕ್ಕೆ ಇಳಿದಾಗ ಬಳಸಿದ್ದು ಹಗ್ಗದ ಏಣಿಯನ್ನು. ಆಳ ಹೆಚ್ಚಿದಂತೆ ಏಣಿಯ ಭಾರವೂ ಹೆಚ್ಚುತ್ತಿತ್ತು. ಬರಿಯ ಹಗ್ಗದ ಮೇಲೆಯೇ ಹತ್ತಿ ಇಳಿಯುವ ದಾರಿಯನ್ನು ಹಲವರು ಹುಡುಕಿದರು. ಆಸ್ಟ್ರಿಯಾದ ಕಾರ್ಲ್ ಪ್ರೂಸಿಕ್ 1931ರಲ್ಲಿ ಪ್ರಚಾರಕ್ಕೆ ತಂದ ಗಂಟು, ಭಾರ ಬಿದ್ದಾಗ ಹಗ್ಗವನ್ನು ಕಚ್ಚುತ್ತಿತ್ತು, ಭಾರ ತೆಗೆದಾಗ ಸರಿಯುತ್ತಿತ್ತು. ಇದೇ ತತ್ತ್ವದ ಮೇಲೆ 1958ರಲ್ಲಿ ಸ್ವಿಟ್ಜರ್ಲೆಂಡಿನ ಅಡಾಲ್ಫ್ ಯೂಸಿ ಮತ್ತು ವಾಲ್ಟರ್ ಮಾರ್ಟಿ ಎಂಬವರು ಜೂಮಾರ್ ಎಂಬ ಲೋಹದ ಹಿಡಿಯನ್ನು ತಂದರು. ಯೂಸಿಗೆ ಅದು ಬೇಕಾಗಿದ್ದದ್ದು ಹದ್ದುಗಳನ್ನು ಅಭ್ಯಸಿಸಲು ಬಂಡೆ ಹತ್ತುವುದಕ್ಕೆ. ಫ್ರಾನ್ಸಿನ ಗುಹಾನ್ವೇಷಕ ಫರ್ನಾಂಡ್ ಪೆಟ್ಜ್ಲ್ 1960ರ ದಶಕದಲ್ಲಿ ಬ್ರೂನೋ ಡ್ರೆಸ್ಲರ್ ಜೊತೆಗೂಡಿ ಇಳಿಯುವ ಮತ್ತು ಏರುವ ಸಾಧನಗಳನ್ನು ತನ್ನ ಕಮ್ಮಟದಲ್ಲಿ ರೂಪಿಸಿದ.

ಹಗ್ಗವೂ ಬದಲಾಯಿತು. ಮನಿಲಾ ನಾರು ಒದ್ದೆಯಾದರೆ ಒಳಗೊಳಗೇ ಕೊಳೆಯುತ್ತಿತ್ತು, ಹೊರಗಿನ ನೋಟಕ್ಕೆ ಗಟ್ಟಿಯಾಗಿಯೇ ಕಾಣುತ್ತಿತ್ತು. ಎರಡನೆಯ ಮಹಾಯುದ್ಧದ ಹೊತ್ತಿಗೆ ನೈಲಾನ್ ಬಂತು. 1953ರಲ್ಲಿ ಜರ್ಮನಿಯ ಎಡೆಲ್ರಿಡ್ ಕಂಪನಿ ಭಾರ ಹೊರುವ ತಿರುಳಿನ ಸುತ್ತ ಹೆಣೆದ ಹೊದಿಕೆಯಿರುವ ಹಗ್ಗವನ್ನು ತಂದಿತು. ಸವೆತವನ್ನು ಮೊದಲು ಹೊದಿಕೆ ತಾಳಿಕೊಳ್ಳುತ್ತದೆ. ಹೊದಿಕೆ ಹರಿದರೆ ಬಿಳಿಯ ತಿರುಳು ಕಣ್ಣಿಗೆ ಬಿದ್ದು, ಹಗ್ಗ ಬಿಡಬೇಕಾದ ಹೊತ್ತನ್ನು ತಿಳಿಸುತ್ತದೆ. ಇದರ ಹೆಚ್ಚು ಹಿಗ್ಗದ ಬಗೆಯೇ ಮುಂದೆ ಕೈಗಾರಿಕೆಯ ಹಗ್ಗವಾಯಿತು.

ಉತ್ತರ ಸಮುದ್ರ

ಈ ವಿದ್ಯೆಯನ್ನು ಕಸುಬಾಗಿಸಿದ್ದು ಬ್ರಿಟನ್ನಿನ ತೈಲೋದ್ಯಮ. ಉತ್ತರ ಸಮುದ್ರದ ಉಪ್ಪುಗಾಳಿ ವೇದಿಕೆಗಳ ಉಕ್ಕನ್ನು ಸದಾ ತಿನ್ನುತ್ತಿತ್ತು. ನೀರಿನ ಮೇಲೆ ಚಾಚಿದ ತಳಭಾಗಕ್ಕೆ ಸಾರುವೆ ಕಟ್ಟಲು ಕೊಳವೆಗಳನ್ನು ಹಡಗಿನಲ್ಲಿ ತರಬೇಕು, ಕಟ್ಟುವವರಿಗೆ ವೇದಿಕೆಯಲ್ಲಿ ಮಲಗಲು ಜಾಗ ಕೊಡಬೇಕು, ಅರ್ಧ ದಿನದ ತಪಾಸಣೆಗೆ ಹಲವು ದಿನ ಕಾಯಬೇಕು. ಗುಹೆ ಹಾಗೂ ಬೆಟ್ಟಗಳಲ್ಲಿ ಪಳಗಿದ ಮೂರ್ನಾಲ್ಕು ಜನ ಹಗ್ಗದೊಂದಿಗೆ ಬಂದರೆ ಅದೇ ಕೆಲಸ ಬೇಗನೆ ಮುಗಿಯುತ್ತಿತ್ತು.

ಆದರೆ ಗುಹೆಯ ಪದ್ಧತಿ ಒಂದೇ ಹಗ್ಗದ ಪದ್ಧತಿ. ಗುಹೆಗೆ ಇಳಿಯುವವನು ತನ್ನ ಇಷ್ಟದಿಂದ ಇಳಿಯುತ್ತಾನೆ, ಅಪಾಯವೂ ಅವನದೇ ಆಯ್ಕೆ. ಕೂಲಿಗೆ ಇಳಿಯುವವನ ಸ್ಥಿತಿ ಬೇರೆ. ಅವನ ಕೈಯಲ್ಲಿ ಗ್ರೈಂಡರ್, ವೆಲ್ಡಿಂಗ್ ಜ್ವಾಲೆ ಇರುತ್ತವೆ, ಪಕ್ಕದಲ್ಲಿ ಉಕ್ಕಿನ ಹರಿತ ಅಂಚುಗಳಿರುತ್ತವೆ. ದಿನವಿಡೀ, ವರ್ಷವಿಡೀ ತೂಗುತ್ತಾನೆ. ಅವನ ಜೀವಕ್ಕೆ ಕೆಲಸ ಕೊಟ್ಟವನು ಹೊಣೆ. ಹಾಗಾಗಿ ಕೈಗಾರಿಕೆ ಗುಹೆಯ ಉಪಕರಣಗಳನ್ನು ತೆಗೆದುಕೊಂಡು, ಬೇರೆ ಆಂಕರಿಗೆ, ಅಂದರೆ ಹಗ್ಗ ಕಟ್ಟುವ ಭದ್ರ ಆಧಾರಕ್ಕೆ, ಕಟ್ಟಿದ ಎರಡನೆಯ ಹಗ್ಗವನ್ನು ಸೇರಿಸಿತು. ಒಂದರ ಮೇಲೆ ಕೆಲಸ, ಇನ್ನೊಂದರ ಮೇಲೆ ಕಾವಲು.

1980ರ ದಶಕದ ಕೊನೆಯಲ್ಲಿ ಬ್ರಿಟನ್ನಿನ ಕೆಲವು ಕಂಪನಿಗಳು ಸೇರಿ ಇಂಡಸ್ಟ್ರಿಯಲ್ ರೋಪ್ ಆಕ್ಸೆಸ್ ಟ್ರೇಡ್ ಅಸೋಸಿಯೇಷನ್, ಅಂದರೆ ಇರಾಟಾ ಸಂಸ್ಥೆಯನ್ನು ಕಟ್ಟಿದವು. ಕೆಲಸದ ನಿಯಮಾವಳಿ ರೂಪಿಸಿದ್ದರ ಜೊತೆಗೆ, ಸದಸ್ಯ ಕಂಪನಿಗಳು ಅವಘಡಗಳನ್ನೂ ಕೂದಲೆಳೆಯಲ್ಲಿ ತಪ್ಪಿದ ಘಟನೆಗಳನ್ನೂ ವರದಿ ಮಾಡಬೇಕೆಂದು ಅದು ವಿಧಿಸಿತು. ವರ್ಷ ವರ್ಷವೂ ಅವುಗಳ ವಿಶ್ಲೇಷಣೆ ಹೊರಬರುತ್ತದೆ. ಸಂಸ್ಥೆ ಹುಟ್ಟಿದ ಕಾಲದಲ್ಲೇ, 1988ರ ಜುಲೈ 6ರಂದು, ಪೈಪರ್ ಆಲ್ಫಾ ತೈಲ ವೇದಿಕೆ ಸ್ಫೋಟಗೊಂಡು 167 ಮಂದಿ ಸತ್ತರು. ಹಗ್ಗದ ಕೆಲಸಕ್ಕೂ ಆ ದುರಂತಕ್ಕೂ ಸಂಬಂಧವಿರಲಿಲ್ಲ. ಆದರೆ ಅದರ ನಂತರ ಸಮುದ್ರದ ಮೇಲಿನ ಪ್ರತಿ ಕೆಲಸವೂ ಬರಹದ ಯೋಜನೆ, ಅಪಾಯದ ಅಂದಾಜು ಮತ್ತು ಪರವಾನಗಿ ಕೇಳುವಂತಾಯಿತು. ನಿಯಮಾವಳಿ ಇದ್ದ ಕಸುಬಿಗೆ ಈ ವಾತಾವರಣ ಹೊಂದಿಕೊಂಡಿತು.

ಉಪಕರಣ ಕಲಿತ ಪಾಠಗಳು

ಕೆಲಸಗಾರ ಮೈಗೆ ಬಿಗಿದುಕೊಳ್ಳುವ ಪಟ್ಟಿಗಳ ಜೋಡಣೆಗೆ, ಅಂದರೆ ಹಾರ್ನೆಸ್ಸಿಗೆ, ಎರಡು ಹಗ್ಗಗಳೂ ಬೇರೆ ಬೇರೆ ಸಾಧನಗಳಿಂದ ಸೇರಿರುತ್ತವೆ. ಐರೋಪ್ಯ ಮಾನದಂಡ ಇಎನ್ 1891ರ ಎ ವರ್ಗದ ಹಗ್ಗ ಕನಿಷ್ಠ 22 ಕಿಲೋನ್ಯೂಟನ್, ಅಂದರೆ ಎರಡು ಟನ್ನಿಗೂ ಮಿಕ್ಕ ಭಾರ ತಡೆಯಬೇಕು. ಇಷ್ಟು ಬಲದ ಹಗ್ಗವೂ ಬಿಗಿಯಾಗಿ ನಿಂತಾಗ ಹರಿತ ಅಂಚಿಗೆ ತಾಗಿದರೆ ಕ್ಷಣದಲ್ಲಿ ಕತ್ತರಿಸಿಹೋಗುತ್ತದೆ. ಆಮ್ಲ ನೈಲಾನನ್ನು ಕೆಡಿಸುತ್ತದೆ, ಕ್ಷಾರ ಪಾಲಿಯೆಸ್ಟರನ್ನು ಕೆಡಿಸುತ್ತದೆ. ಆದ್ದರಿಂದ ಅಂಚಿಗೆ ಹೊದಿಕೆ ಹಾಕುವುದು, ಹಗ್ಗ ಗೋಡೆಗೆ ತಾಗದಂತೆ ನಡುವೆ ಇನ್ನೊಂದು ಆಂಕರ್ ಹೂಡುವುದು ಹಗ್ಗದ ಬಲದಷ್ಟೇ ಮುಖ್ಯ.

ಸಾಧನಗಳ ವಿನ್ಯಾಸವನ್ನು ತಿದ್ದಿದ್ದು ಮನುಷ್ಯನ ಗಾಬರಿ. ಹಿಡಿ ಅದುಮಿದರೆ ಇಳಿಯುವ, ಬಿಟ್ಟರೆ ನಿಲ್ಲುವ ಡಿಸೆಂಡರ್ ಮೊದಲಿಗೆ ಸುರಕ್ಷಿತವೆಂದೇ ತೋರಿತು. ಆದರೆ ಜಾರಿದವನು ಗಾಬರಿಯಲ್ಲಿ ಹಿಡಿಯನ್ನು ಬಿಡುವುದಿಲ್ಲ, ಇನ್ನಷ್ಟು ಬಿಗಿಯಾಗಿ ಅದುಮುತ್ತಾನೆ. ಹೀಗಾಗಿ ಅತಿಯಾಗಿ ಎಳೆದರೂ ನಿಂತುಬಿಡುವ ಡಿಸೆಂಡರುಗಳು ಬಂದವು. ಕಾವಲು ಹಗ್ಗದ ಬ್ಯಾಕಪ್ ಸಾಧನದಲ್ಲೂ ಇದೇ ತೊಡಕಿತ್ತು. ಹಳೆಯ ಬಗೆಯನ್ನು ಸಣ್ಣ ದಾರದಿಂದ ಎಳೆದುಕೊಂಡು ಇಳಿಯುತ್ತಿದ್ದರು. ಬೀಳುವಾಗ ದಾರವನ್ನು ಬಿಗಿಹಿಡಿದರೆ ಸಾಧನ ಹಗ್ಗವನ್ನು ಕಚ್ಚುತ್ತಲೇ ಇರಲಿಲ್ಲ. ಈಚಿನವು ಕಾರಿನ ಸೀಟ್‌ಬೆಲ್ಟಿನಂತೆ ವೇಗ ಹೆಚ್ಚಿದೊಡನೆ ತಾವೇ ಕಚ್ಚಿಕೊಳ್ಳುತ್ತವೆ. ಬ್ಯಾಕಪ್, ಏರುವ ಮತ್ತು ಇಳಿಯುವ ಸಾಧನಗಳನ್ನು ಎ, ಬಿ, ಸಿ ಎಂದು ವಿಂಗಡಿಸಿ ಪರೀಕ್ಷೆ ಗೊತ್ತುಮಾಡಿದ್ದು 2006ರ ಇಎನ್ 12841. ದಿನವೂ ಬಳಸುವ ಮೊದಲು ಉಪಕರಣವನ್ನು ಪರೀಕ್ಷಿಸುವುದು ಕೆಲಸಗಾರನ ಹೊಣೆ; ಬ್ರಿಟನ್ನಿನ ನಿಯಮದಂತೆ ಆರು ತಿಂಗಳಿಗೊಮ್ಮೆ ಪರಿಣತರಿಂದಲೂ ತಪಾಸಣೆಯಾಗಬೇಕು.

ತರಬೇತಿ ಮತ್ತು ಪಾರುಮಾಡುವಿಕೆ

ಇರಾಟಾ ಪದ್ಧತಿಯಲ್ಲಿ ಮೂರು ಹಂತಗಳಿವೆ. ಪ್ರತಿ ಹಂತಕ್ಕೂ ಕನಿಷ್ಠ ನಾಲ್ಕು ದಿನದ ತರಬೇತಿ, ಐದನೆಯ ದಿನ ಪರೀಕ್ಷೆ. ಪರೀಕ್ಷಕ ತರಬೇತಿ ಕೊಟ್ಟ ಕಂಪನಿಗೆ ಸೇರಿದವನಾಗಿರಬಾರದು. ಒಂದು ಹಂತದಿಂದ ಮುಂದಕ್ಕೆ ಹೋಗಲು ಕನಿಷ್ಠ 12 ತಿಂಗಳ ಅನುಭವವೂ, ದಿನಚರಿ ಪುಸ್ತಕದಲ್ಲಿ ದಾಖಲಾದ 1,000 ಗಂಟೆಗಳ ಹಗ್ಗದ ಕೆಲಸವೂ ಬೇಕು. ಮೂರು ವರ್ಷಕ್ಕೊಮ್ಮೆ ಮತ್ತೆ ಪರೀಕ್ಷೆಗೆ ಕೂರಬೇಕು. ಮೊದಲ ಹಂತದವನು ಒಂದು ಹಗ್ಗಜೋಡಿಯಿಂದ ಇನ್ನೊಂದಕ್ಕೆ ದಾಟುವುದು, ಗಂಟು ದಾಟುವುದು, ಅಂಚು ಹತ್ತಿ ಇಳಿಯುವುದು ಕಲಿಯುತ್ತಾನೆ. ಎಲ್ಲ ಹೊತ್ತಿನಲ್ಲೂ ದೇಹ ಎರಡು ಬೇರೆ ಆಸರೆಗಳಿಗೆ ಸೇರಿರಬೇಕು. ಅದು ತಪ್ಪಿದರೆ ಪರೀಕ್ಷೆಯಲ್ಲಿ ಉಳಿದುದೆಲ್ಲ ಸರಿಯಿದ್ದರೂ ನಪಾಸು. ಮೂರನೆಯ ಹಂತದವನು ಮೇಲ್ವಿಚಾರಕ. ಅವನಿಲ್ಲದೆ ತಂಡ ಹಗ್ಗಕ್ಕೆ ಇಳಿಯುವಂತಿಲ್ಲ, ಒಬ್ಬಂಟಿಯಾಗಿ ಯಾರೂ ಕೆಲಸ ಮಾಡುವಂತಿಲ್ಲ.

ಕಾರಣ ಹಾರ್ನೆಸ್ಸಿನಲ್ಲಿದೆ. ಪ್ರಜ್ಞೆ ತಪ್ಪಿ ಅಲುಗಾಡದೆ ತೂಗಿದ ದೇಹದಲ್ಲಿ ರಕ್ತ ಕಾಲುಗಳಲ್ಲೇ ನಿಂತು ಹೃದಯಕ್ಕೂ ಮಿದುಳಿಗೂ ಕೊರತೆಯಾಗುತ್ತದೆ. ನಿಮಿಷಗಳಲ್ಲೇ ಜೀವಕ್ಕೆ ಕುತ್ತು ಬರಬಹುದು. ಅಗ್ನಿಶಾಮಕ ದಳಕ್ಕೆ ಕಾಯುವಷ್ಟು ಹೊತ್ತು ಅಲ್ಲಿರುವುದಿಲ್ಲ, ಪಾರುಮಾಡುವವರು ತಂಡದಲ್ಲೇ ಇರಬೇಕು. ಹಾಗಾಗಿ ಪ್ರತಿ ಕೆಲಸಕ್ಕೂ ಇಳಿಯುವ ಮುನ್ನವೇ ಪಾರುಮಾಡುವ ಯೋಜನೆ ಸಿದ್ಧವಿರುತ್ತದೆ. ಇಂಥವರನ್ನು ಕೆಳಗಿಳಿಸಿದ ಮೇಲೆ ಮಲಗಿಸದೆ ಕೂರಿಸಿಯೇ ಇಡಬೇಕೆಂದು ಬಹುಕಾಲ ಕಲಿಸಲಾಗುತ್ತಿತ್ತು. 2009ರಲ್ಲಿ ಬ್ರಿಟನ್ನಿನ ಆರೋಗ್ಯ ಮತ್ತು ಸುರಕ್ಷತಾ ಇಲಾಖೆ ಪ್ರಕಟಿಸಿದ ಪರಿಶೀಲನೆ ಅದಕ್ಕೆ ಆಧಾರವಿಲ್ಲವೆಂದು ತೋರಿಸಿತು. ಮಾಮೂಲಿ ಪ್ರಥಮ ಚಿಕಿತ್ಸೆಯ ಕ್ರಮವೇ ಸರಿಯೆಂದಿತು. ಪಾಠಪಟ್ಟಿಯನ್ನೂ ಸಾಕ್ಷ್ಯಕ್ಕೆ ತಕ್ಕಂತೆ ತಿದ್ದಿಕೊಳ್ಳಬೇಕೆಂಬುದಕ್ಕೆ ಇದು ಒಳ್ಳೆಯ ನಿದರ್ಶನ.

ಕಾನೂನು ಮತ್ತು ಹರಡುವಿಕೆ

ಕಸುಬಿನವರು ತಾವೇ ಒಪ್ಪಿಕೊಂಡಿದ್ದ ಎರಡು ಹಗ್ಗದ ನಿಯಮ 2001ರಲ್ಲಿ ಐರೋಪ್ಯ ಒಕ್ಕೂಟದ ನಿರ್ದೇಶನವಾಯಿತು, ಬ್ರಿಟನ್ನಿನಲ್ಲಿ 2005ರ ಎತ್ತರದ ಕೆಲಸದ ನಿಯಮಗಳಲ್ಲಿ ಸೇರಿತು. ಎರಡನೆಯ ಹಗ್ಗದಿಂದಲೇ ಅಪಾಯ ಹೆಚ್ಚುವ ಅಪರೂಪದ ಸಂದರ್ಭದಲ್ಲಷ್ಟೇ ಒಂದು ಹಗ್ಗಕ್ಕೆ ಅವಕಾಶ. 2003ರಲ್ಲಿ ಐಎಸ್‌ಒ 22846ರ ಮೊದಲ ಭಾಗವೂ 2012ರಲ್ಲಿ ಎರಡನೆಯ ಭಾಗವೂ ಬಂದು ಅಂತರರಾಷ್ಟ್ರೀಯ ಮಾನದಂಡ ಸಿದ್ಧವಾಯಿತು. ಅಮೆರಿಕದಲ್ಲಿ ಸ್ಪ್ರಾಟ್ ಎಂಬ ಸಂಸ್ಥೆ ಇದೇ ಬಗೆಯ ಮೂರು ಹಂತಗಳನ್ನು ರೂಪಿಸಿತು. 2011ರ ಆಗಸ್ಟ್ 23ರ ಭೂಕಂಪದಿಂದ 169 ಮೀಟರ್ ಎತ್ತರದ ವಾಷಿಂಗ್ಟನ್ ಸ್ಮಾರಕ ಬಿರುಕು ಬಿಟ್ಟಾಗ, ತುದಿಯಿಂದ ಹಗ್ಗದಲ್ಲಿ ಇಳಿದು ಕಲ್ಲು ಕಲ್ಲನ್ನೂ ಪರೀಕ್ಷಿಸಿದವರು ಈ ವಿದ್ಯೆ ಕಲಿತ ಎಂಜಿನಿಯರುಗಳು.

ಭಾರತದಲ್ಲಿ 1996ರ ಕಟ್ಟಡ ಮತ್ತು ಇತರ ನಿರ್ಮಾಣ ಕಾರ್ಮಿಕರ ಕಾಯ್ದೆ ಹಾಗೂ 1998ರ ಕೇಂದ್ರ ನಿಯಮಗಳು ಎತ್ತರದ ಕೆಲಸಕ್ಕೆ ಸುರಕ್ಷತಾ ಬೆಲ್ಟು, ಜೀವರಕ್ಷಕ ಹಗ್ಗ, ಬಲೆಗಳನ್ನು ವಿಧಿಸಿದವು. ಹಾರ್ನೆಸ್ಸಿಗೆ ಐಎಸ್ 3521 ಮಾನದಂಡವಿದೆ. ತೈಲೋದ್ಯಮ, ಗಾಳಿಯಂತ್ರ ಮತ್ತು ದೊಡ್ಡ ಕಟ್ಟಡಗಳ ನಿರ್ವಹಣೆಯ ಮೂಲಕ ಪ್ರಮಾಣಪತ್ರ ಪಡೆದ ತಂತ್ರಜ್ಞರೂ ಬಂದಿದ್ದಾರೆ. ಆದರೆ ಬೆಂಗಳೂರಿನಂಥ ನಗರಗಳಲ್ಲಿ ಒಂದೇ ಹಗ್ಗಕ್ಕೆ ಕಟ್ಟಿದ ಹಲಗೆಯ ಮೇಲೆ ಕೂತು ಬಣ್ಣ ಬಳಿಯುವ ಪದ್ಧತಿ ಇನ್ನೂ ಉಳಿದಿದೆ. ಆ ಕಾರ್ಮಿಕರಿಗೆ ಬೇಕಾದದ್ದು ಹೊಸ ಆವಿಷ್ಕಾರವಲ್ಲ. ಬೇರೆ ಆಧಾರಕ್ಕೆ ಕಟ್ಟಿದ ಇನ್ನೊಂದು ಹಗ್ಗ, ಪೂರ್ಣ ದೇಹದ ಹಾರ್ನೆಸ್, ಕೆಲವು ದಿನಗಳ ತರಬೇತಿ, ಪಾರುಮಾಡಲು ಕಲಿತ ಒಬ್ಬ ಜೊತೆಗಾರ ಇಷ್ಟು ಸಾಕು. ಇದರ ವೆಚ್ಚ ಕಟ್ಟಡದ ಮಾಲೀಕ ಮತ್ತು ಗುತ್ತಿಗೆದಾರರ ಹೊಣೆ; ಅದನ್ನು ಕಾರ್ಮಿಕನ ಧೈರ್ಯದಿಂದ ತುಂಬಿಕೊಳ್ಳುವಂತಿಲ್ಲ.