ಸೋತವರ ಕೈಬರಹ: ಆಸ್ಟೆಕ್ ಚರಿತ್ರೆ ಉಳಿದ ಬಗೆ

ಆಸ್ಟೆಕ್ ಜನರ ಬಗ್ಗೆ ಇಂದು ಗೊತ್ತಿರುವ ವಿಷಯಗಳಲ್ಲಿ ಬಹುಪಾಲು ಅವರ ರಾಜ್ಯ ಹೋದ ಮೇಲೆ ಬರೆದಿಟ್ಟವು. 1521ರ ಆಗಸ್ಟ್ 13ರಂದು ಅವರ ರಾಜಧಾನಿ ತೆನೊಚ್ತಿತ್ಲಾನ್ ಸ್ಪೇನಿನವರ ಮತ್ತು ಅವರ ಜೊತೆ ಸೇರಿದ ಸ್ಥಳೀಯ ಸೈನ್ಯಗಳ ವಶವಾಯಿತು. ಅದಕ್ಕಿಂತ ಮೊದಲು ಆ ನಗರದಲ್ಲೇ ರಚಿತವಾದದ್ದು ಎಂದು ತಕರಾರಿಲ್ಲದೆ ಹೇಳಬಹುದಾದ ಒಂದು ಚಿತ್ರಪುಸ್ತಕವೂ ನಮಗೆ ಉಳಿದಿಲ್ಲ. ದೇವಾಲಯಗಳ ಜೊತೆ ಗ್ರಂಥಗಳೂ ಸುಟ್ಟವು. ಉಳಿದವನ್ನು ಪಾದ್ರಿಗಳು ಸೈತಾನನ ಕೆಲಸವೆಂದು ಬೆಂಕಿಗೆ ಹಾಕಿದರು. ಇಷ್ಟು ತಿಳಿದ ಮೇಲೆ, ನಮ್ಮ ಕೈಗೆ ಬಂದಿರುವುದು ಗೆದ್ದವರು ಬರೆದ ಚರಿತ್ರೆ ಮಾತ್ರ ಎಂಬ ತೀರ್ಮಾನಕ್ಕೆ ಬರುವುದು ಸಹಜ. ಆದರೆ ಆ ತೀರ್ಮಾನ ಸರಿಯಲ್ಲ. ವಸಾಹತು ಕಾಲದ ಈ ದಾಖಲೆಗಳನ್ನು ಬರೆದ, ಬಿಡಿಸಿದ, ನೆನಪಿನಿಂದ ಹೇಳಿದ ಕೈಗಳೂ ಬಾಯಿಗಳೂ ಹೆಚ್ಚಾಗಿ ನಹುವಾ ಜನರವೇ, ಅಂದರೆ ಆಸ್ಟೆಕರೂ ಸೇರಿದಂತೆ ನಹುವಾತ್ಲ್ ಭಾಷೆಯಾಡುವವರವೇ. ಇದನ್ನು ಮರೆತರೆ ಅವರ ಪುಸ್ತಕಗಳನ್ನು ಸುಟ್ಟವರಿಗೇ ಅವರ ಬರಹದ ಶ್ರೇಯಸ್ಸನ್ನೂ ಕೊಟ್ಟಂತಾಗುತ್ತದೆ.

ಈ ಮಾತಿಗೆ ಗಟ್ಟಿ ಸಾಕ್ಷ್ಯ ಇರುವುದು ಇಂದು ಇಟಲಿಯ ಫ್ಲಾರೆನ್ಸ್ ನಗರದ ಗ್ರಂಥಾಲಯದಲ್ಲಿರುವ ಹಸ್ತಪ್ರತಿಯಲ್ಲಿ. ಫ್ರಾನ್ಸಿಸ್ಕನ್ ಪಂಥದ ಪಾದ್ರಿ ಬೆರ್ನಾರ್ದಿನೊ ದೆ ಸಹಗೂನ್ 1529ರಲ್ಲಿ ಮೆಕ್ಸಿಕೊಗೆ ಬಂದವನು. ದೇವರುಗಳಿಂದ ಹಿಡಿದು ಗಿಡಮೂಲಿಕೆಗಳವರೆಗೆ ಹನ್ನೆರಡು ಪುಸ್ತಕಗಳಲ್ಲಿ ಆ ನಾಡಿನ ಬದುಕನ್ನೆಲ್ಲ ಹಿಡಿದಿಡುವ ಅವನ ಕೆಲಸ 1577ರ ಸುಮಾರಿಗೆ ಮುಗಿಯಿತು. ಕೃತಿಯ ಮೇಲೆ ಅವನೊಬ್ಬನ ಹೆಸರಿದೆ. ಆದರೆ ಕೆಲಸ ನಡೆದ ಕ್ರಮವನ್ನು ಅವನೇ ಪೀಠಿಕೆಯಲ್ಲಿ ಹೇಳಿದ್ದಾನೆ. ತೆಪೆಪುಲ್ಕೊ ಎಂಬ ಊರಿನ ಹತ್ತು ಹನ್ನೆರಡು ಮಂದಿ ಹಿರಿಯರನ್ನು ಕೂರಿಸಿಕೊಂಡು ಅವನು ಪ್ರಶ್ನೆ ಕೇಳುತ್ತಿದ್ದ. ಅವರು ತಮ್ಮ ಪದ್ಧತಿಯಂತೆ ಚಿತ್ರಗಳ ಮೂಲಕ ಉತ್ತರ ಕೊಡುತ್ತಿದ್ದರು. ಚಿತ್ರದ ಕೆಳಗೆ ಅದರ ಅರ್ಥವನ್ನು ಲ್ಯಾಟಿನ್ ಲಿಪಿಯಲ್ಲಿ, ನಹುವಾತ್ಲ್ ಭಾಷೆಯಲ್ಲಿ ಬರೆಯುತ್ತಿದ್ದವರು ಅದೇ ನಾಡಿನ ಯುವಕರು. 1536ರಲ್ಲಿ ತ್ಲಾತೆಲೋಲ್ಕೊದಲ್ಲಿ ಆರಂಭವಾದ ಕಾಲೇಜಿನಲ್ಲಿ ಲ್ಯಾಟಿನ್ ಕಲಿತವರು. ಅಸ್ಕಪೊತ್ಸಾಲ್ಕೊದ ಆಂತೋನಿಯೊ ವಲೆರಿಯಾನೊ, ಕ್ವಾವ್ತಿತ್ಲಾನಿನ ಅಲೋನ್ಸೊ ವೆಗೆರಾನೊ ಮತ್ತು ಪೆದ್ರೊ ದೆ ಸಾನ್ ಬುವೆನವೆಂತೂರಾ, ತ್ಲಾತೆಲೋಲ್ಕೊದ ಮಾರ್ತೀನ್ ಹಕೊಬೀತಾ: ಈ ಹೆಸರುಗಳನ್ನು ಸಹಗೂನನೇ ಬರೆದಿಟ್ಟಿದ್ದಾನೆ. ವಲೆರಿಯಾನೊ ಮುಂದೆ ಎರಡು ದಶಕಕ್ಕೂ ಹೆಚ್ಚು ಕಾಲ ತೆನೊಚ್ತಿತ್ಲಾನಿನ ಸ್ಥಳೀಯ ಆಡಳಿತದ ಮುಖ್ಯಸ್ಥನಾಗಿದ್ದ. ಇಂಥವರನ್ನು ಬರೀ ಲಿಪಿಕಾರರು ಎನ್ನುವುದು ನ್ಯಾಯವಲ್ಲ.

ಹಸ್ತಪ್ರತಿಯ ಪುಟವನ್ನೇ ಹತ್ತಿರದಿಂದ ನೋಡಿದರೆ ವಿಷಯ ಇನ್ನೂ ನಿಚ್ಚಳವಾಗುತ್ತದೆ. ಪ್ರತಿ ಪುಟದಲ್ಲೂ ಎರಡು ಅಂಕಣ: ಬಲಕ್ಕೆ ನಹುವಾತ್ಲ್, ಎಡಕ್ಕೆ ಸ್ಪ್ಯಾನಿಷ್. ನಹುವಾತ್ಲ್ ಪಠ್ಯ ಉದ್ದ, ಸ್ಪ್ಯಾನಿಷ್ ಚಿಕ್ಕದು. ಸ್ಪ್ಯಾನಿಷ್ ಅಂಕಣದಲ್ಲಿ ಖಾಲಿ ಉಳಿದ ಜಾಗವನ್ನು ಚಿತ್ರಗಳು ತುಂಬಿವೆ. ಅಂಥ ಚಿತ್ರಗಳು ಸುಮಾರು 2,500. ಎರಡೂ ಅಂಕಣ ಒಂದನ್ನೇ ಹೇಳುವುದಿಲ್ಲ. ಹನ್ನೆರಡನೆಯ ಪುಸ್ತಕ ಯುದ್ಧದ ಕಥೆ. ಅದರಲ್ಲಿ ಆಸ್ಟೆಕ್ ದೊರೆ ಮೊಕ್ತೆಸುಮಾ ಕಳಿಸಿದ ಚಿನ್ನದ ಕಾಣಿಕೆ ಕಂಡ ಸ್ಪೇನಿನವರ ವರ್ತನೆಯನ್ನು ನಹುವಾತ್ಲ್ ಪಠ್ಯ ಕೋತಿಗಳಿಗೂ ಹಸಿದ ಹಂದಿಗಳಿಗೂ ಹೋಲಿಸುತ್ತದೆ. ಪಕ್ಕದ ಸ್ಪ್ಯಾನಿಷ್ ಅಂಕಣದಲ್ಲಿ ಆ ಹೋಲಿಕೆಗಳಿಲ್ಲ. ಚಿನ್ನ ಕಂಡು ಅವರಿಗೆ ಸಂತೋಷವಾಯಿತು ಎಂಬಷ್ಟಕ್ಕೆ ಮಾತು ಮುಗಿಯುತ್ತದೆ. ಗೆದ್ದವರೇ ಬರೆದ ಚರಿತ್ರೆಯಾಗಿದ್ದರೆ ಬಲಗಡೆಯ ಆ ಮಾತು ಉಳಿಯುವ ಕಾರಣವೇ ಇರಲಿಲ್ಲ. ಇನ್ನೊಂದು ಸಂಗತಿಯಿದೆ. 1576ರಲ್ಲಿ ಭೀಕರ ಸಾಂಕ್ರಾಮಿಕ ರೋಗ ಬಂದು ನಹುವಾ ಜನ ಸಾವಿರಾರು ಸಂಖ್ಯೆಯಲ್ಲಿ ಸಾಯುತ್ತಿದ್ದಾಗಲೂ ಈ ಪ್ರತಿಯ ಕೆಲಸ ನಡೆದೇ ಇತ್ತು. ಬಹುಶಃ ಆ ಸಂಕಟದಿಂದಲೇ ಕೊನೆಯ ಪುಸ್ತಕದ ಚಿತ್ರಗಳಲ್ಲಿ ಹೆಚ್ಚಿನವುಗಳಿಗೆ ಬಣ್ಣವಿಲ್ಲ, ಬರೀ ಕಪ್ಪು ಗೆರೆಗಳು. ಸಾವಿನ ನಡುವೆಯೂ ಕುಳಿತು ಪುಸ್ತಕ ಮುಗಿಸಿದ ಆ ಚಿತ್ರಕಾರರ ನಿಷ್ಠೆಗೆ ತಲೆಬಾಗಬೇಕು.

ಇದಕ್ಕೆ ಬರುವ ಬಲವಾದ ಆಕ್ಷೇಪ ಹೀಗಿದೆ: ಪ್ರಶ್ನೆಗಳು ಪಾದ್ರಿಯವು, ಬರೆದವರು ಅವನ ಶಾಲೆಯಲ್ಲಿ ಕ್ರೈಸ್ತರಾಗಿ ಬೆಳೆದ ಗಣ್ಯರ ಮಕ್ಕಳು, ಅವರ ಬಾಯಲ್ಲಿ ಬಂದದ್ದು ಹಳೆಯ ಆಸ್ಟೆಕ್ ಲೋಕ ಹೇಗಾದೀತು? ಈ ಆಕ್ಷೇಪದಲ್ಲಿ ನಿಜವಿದೆ. ಸಹಗೂನ್ ಹಳೆಯ ಧರ್ಮವನ್ನು ತಿಳಿಯಲು ಹೊರಟದ್ದೇ ಅದನ್ನು ಬೇರುಸಹಿತ ಕೀಳಲು. ಮೊಕ್ತೆಸುಮಾ ಸ್ಪೇನಿನ ದಂಡನಾಯಕ ಕೊರ್ತೆಸನನ್ನು ಮರಳಿ ಬಂದ ಕ್ವೆತ್ಸಾಲ್ಕೊವಾತ್ಲ್ ದೇವರೆಂದು ನಂಬಿದ ಎಂಬ ಪ್ರಸಿದ್ಧ ಕಥೆಯನ್ನೇ ನೋಡಿ. ಅದು ಈ ಪುಸ್ತಕದಲ್ಲಿದೆ. ಆದರೆ ಯುದ್ಧ ನಡೆಯುತ್ತಿದ್ದಾಗ ಕೊರ್ತೆಸನೇ ತನ್ನ ರಾಜನಿಗೆ ಬರೆದ ಪತ್ರಗಳಲ್ಲಿ ಆ ದೇವರ ಹೆಸರಿಲ್ಲ. ಸೋಲಿಗೆ ಅರ್ಥ ಹುಡುಕುತ್ತಿದ್ದ ಮುಂದಿನ ತಲೆಮಾರಿನಲ್ಲಿ ಅದು ರೂಪುಗೊಂಡಿತು ಎಂದು ಇತ್ತೀಚಿನ ಹಲವು ಇತಿಹಾಸಕಾರರು ವಾದಿಸುತ್ತಾರೆ. ಈ ವಾದ ನನಗೂ ಸರಿಯೆನಿಸುತ್ತದೆ. ಆದರೆ ಇದರಿಂದ ದಾಖಲೆಯೇ ಸುಳ್ಳಾಗುವುದಿಲ್ಲ. ಅದು ಕೊರ್ತೆಸ್ ಬಂದಿಳಿದ 1519ರ ಘಟನೆಗಳಿಗೆ ದುರ್ಬಲ ಸಾಕ್ಷಿ. ಅವುಗಳನ್ನು ಮುಂದೆ ನಹುವಾ ಜನ ಹೇಗೆ ನೆನೆದರು ಎಂಬುದಕ್ಕೆ ಪ್ರಬಲ ಸಾಕ್ಷಿ. ಸಾಕ್ಷಿ ಯಾವುದಕ್ಕೆ ಎಂದು ಕೇಳದೆ ತಿರಸ್ಕರಿಸಿದರೆ ನಷ್ಟ ನಮಗೇ.

ಇನ್ನು, ವಸಾಹತು ಕಾಲಕ್ಕೆ ಮೊದಲಿನ ಕಳಂಕವಿಲ್ಲದ ದಾಖಲೆಯನ್ನು ಕಳೆದುಕೊಂಡೆವು ಎಂದು ಮರುಗುವವರಿಗೆ ಇದೇ ಹಸ್ತಪ್ರತಿ ಒಂದು ಸಂಗತಿ ಹೇಳುತ್ತದೆ: 15ನೆಯ ಶತಮಾನದಲ್ಲಿ ಇತ್ಸ್‌ಕೊವಾತ್ಲ್ ಎಂಬ ಆಸ್ಟೆಕ್ ದೊರೆಯೇ ಹಳೆಯ ಚರಿತ್ರೆಗಳನ್ನು ಸುಡಿಸಿದ್ದ. ರಾಜಧಾನಿಯ ಚರಿತ್ರೆ ಸ್ಪೇನಿನವರು ಬರುವ ಮೊದಲೇ ಅರಮನೆಗೆ ಬೇಕಾದ ಚರಿತ್ರೆಯಾಗಿತ್ತು. ವಸಾಹತು ಕಾಲದಲ್ಲೂ ಪ್ರತಿ ಊರೂ ತನ್ನ ಹೆಮ್ಮೆಯನ್ನು ಕಾಯ್ದುಕೊಂಡಿತು. ಹನ್ನೆರಡನೆಯ ಪುಸ್ತಕ ಹೇಳಿದವರು ತ್ಲಾತೆಲೋಲ್ಕೊದವರು. ಅದರಲ್ಲಿ ಅವರ ಯೋಧರು ಶೂರರು, ಪಕ್ಕದ ತೆನೊಚ್ತಿತ್ಲಾನಿನ ಮೊಕ್ತೆಸುಮಾ ಪುಕ್ಕಲ. ತ್ಲಾಶ್ಕಾಲಾದವರು ದೊಡ್ಡ ಬಟ್ಟೆಯ ಮೇಲೆ ಬಿಡಿಸಿದ ಚಿತ್ರಮಾಲೆಯಲ್ಲಿ ಅವರು ಸೋತವರಲ್ಲ, ಕೊರ್ತೆಸನ ಜೊತೆ ನಿಂತು ಗೆದ್ದವರು. ಗೆದ್ದವರು ಸೋತವರು ಎಂಬ ಎರಡೇ ಪಾಲು ಮಾಡಿದರೆ ಇವರನ್ನೆಲ್ಲ ಎಲ್ಲಿ ಕೂರಿಸುವುದು?

ಚಿತ್ರಬರಹ ಕೇವಲ ಅಲಂಕಾರವಾಗಿತ್ತು, ಅಕ್ಷರ ಬಂದೊಡನೆ ಸತ್ತಿತು ಎಂಬ ಮಾತೂ ನಿಲ್ಲುವುದಿಲ್ಲ. 1531ರಲ್ಲಿ ವೆಶೊತ್ಸಿಂಕೊ ಊರಿನವರು ಸ್ಪ್ಯಾನಿಷ್ ಅಧಿಕಾರಿಗಳ ಅತಿಯಾದ ಕಪ್ಪದ ವಿರುದ್ಧದ ವ್ಯಾಜ್ಯಕ್ಕೆ ಸಾಕ್ಷ್ಯವಾಗಿ ಎಂಟು ಚಿತ್ರಹಾಳೆಗಳನ್ನು ಒದಗಿಸಿದರು. ಒಂದು ಹಾಳೆಯಲ್ಲಿ ಮೇರಿಯೂ ಮಗುವೂ ಇರುವ ಧ್ವಜವಿದೆ. ಅದಕ್ಕೆ ಬೇಕಾದ ಚಿನ್ನಕ್ಕಾಗಿ ಗುಲಾಮರನ್ನು ಮಾರಬೇಕಾದ ಲೆಕ್ಕವೂ ಅದರಲ್ಲೇ ಇದೆ. ಸ್ಪ್ಯಾನಿಷ್ ನ್ಯಾಯಾಲಯ ಈ ಹಾಳೆಗಳನ್ನು ದಾಖಲೆಯೆಂದೇ ಸ್ವೀಕರಿಸಿತು. ಹತ್ತು ವರ್ಷಗಳ ನಂತರದ ಮೆಂದೋಸಾ ಗ್ರಂಥದಲ್ಲಿ ಆಸ್ಟೆಕ್ ದೊರೆಗೆ ಯಾವ ಊರು ಎಷ್ಟು ಹೊದಿಕೆ, ಎಷ್ಟು ಗರಿ, ಎಷ್ಟು ಕೊಕೊ ಕಪ್ಪವಾಗಿ ಕೊಡಬೇಕಿತ್ತು ಎಂಬುದು ಚಿತ್ರದಲ್ಲೇ ಇದೆ: ಧ್ವಜವೆಂದರೆ 20, ಗರಿಯಂಥ ಗುರುತು 400, ಚೀಲ 8,000. ಗ್ರಂಥವನ್ನು ಸ್ಪೇನಿಗೆ ಒಯ್ಯುವ ಹಡಗು ಹೊರಡಲು ಹತ್ತು ದಿನ ಇದ್ದಾಗ ಕೆಲಸ ಕೈಗೆ ಬಂತು, ಸ್ಥಳೀಯರು ಒಮ್ಮತಕ್ಕೆ ಬರಲು ತಡ ಮಾಡಿದರು ಎಂದು ಸ್ಪ್ಯಾನಿಷ್ ವಿವರಣೆ ಬರೆದವನು ಕೊನೆಯಲ್ಲಿ ದೂರಿಕೊಂಡಿದ್ದಾನೆ. ಆ ದೂರು ನಮಗೆ ಬೆಲೆಯುಳ್ಳದ್ದು. ಚಿತ್ರದ ಅರ್ಥವೇನೆಂದು ತಮ್ಮತಮ್ಮಲ್ಲಿ ಚರ್ಚಿಸಿ ತೀರ್ಮಾನಿಸಿದವರು ಯಾರು ಎಂಬುದು ಅದರಿಂದಲೇ ತಿಳಿಯುತ್ತದೆ.

ಪಾದ್ರಿಗಳು ಹೇಳದಿದ್ದರೂ ನಹುವಾ ಜನ ಬರೆಯುತ್ತಿದ್ದರು. 1579ರಲ್ಲಿ ಚಾಲ್ಕೊ ಸೀಮೆಯಲ್ಲಿ ಹುಟ್ಟಿದ ಚಿಮಾಲ್ಪಾಯಿನ್ ಮೆಕ್ಸಿಕೊ ನಗರದ ಒಂದು ಚಿಕ್ಕ ಚರ್ಚಿನಲ್ಲಿ ಕೆಲಸಕ್ಕಿದ್ದುಕೊಂಡು, ಹಳೆಯ ಚಿತ್ರಗ್ರಂಥಗಳನ್ನೂ ಹಿರಿಯರನ್ನೂ ವಿಚಾರಿಸಿ, ಸಂವತ್ಸರಗಳ ಕ್ರಮದಲ್ಲಿ ತನ್ನ ನಾಡಿನ ಚರಿತ್ರೆಯನ್ನು ನಹುವಾತ್ಲಿನಲ್ಲೇ ಬರೆದ. 1611ರ ಸೂರ್ಯಗ್ರಹಣ, ನಗರಕ್ಕೆ ಬಂದ ಜಪಾನೀಯರು, ಎಲ್ಲವೂ ಅವನ ವಾರ್ಷಿಕ ದಾಖಲೆಗಳಲ್ಲಿವೆ. ಹಳೆಯ ಪದ್ಧತಿ ಹೊಸ ಲಿಪಿಯಲ್ಲಿ ಮುಂದುವರಿದದ್ದಕ್ಕೆ ಇದಕ್ಕಿಂತ ಬೇರೆ ಪುರಾವೆ ಬೇಡ.

ಈ ಬರಹಗಳ ಶಕ್ತಿ ಸ್ಪೇನಿನ ದೊರೆಗೂ ಗೊತ್ತಿತ್ತು. 1577ರಲ್ಲಿ ಎರಡನೆಯ ಫಿಲಿಪ್ ಸಹಗೂನನ ಕೃತಿಯನ್ನೆಲ್ಲ ವಶಪಡಿಸಿಕೊಂಡು ಕಳಿಸಬೇಕೆಂದೂ, ಸ್ಥಳೀಯರ ಆಚಾರಗಳ ಬಗ್ಗೆ ಯಾವ ಭಾಷೆಯಲ್ಲೂ ಯಾರೂ ಬರೆಯಕೂಡದೆಂದೂ ಆಜ್ಞೆ ಹೊರಡಿಸಿದ. ಹಾಗೆ ಮರೆಯಾದ ಗ್ರಂಥ 2023ರಿಂದ ಗೆಟ್ಟಿ ಸಂಶೋಧನಾ ಸಂಸ್ಥೆಯ ಜಾಲತಾಣದಲ್ಲಿ ಎಲ್ಲರಿಗೂ ಉಚಿತವಾಗಿ ಸಿಗುತ್ತಿದೆ. ಮೆಕ್ಸಿಕೊದ 2020ರ ಜನಗಣತಿಯ ಪ್ರಕಾರ ನಹುವಾತ್ಲ್ ಮಾತಾಡುವವರು ಹದಿನಾರು ಲಕ್ಷಕ್ಕೂ ಹೆಚ್ಚು. ನಮ್ಮ ಪಠ್ಯಪುಸ್ತಕಗಳೂ ಲೇಖನಗಳೂ ಇನ್ನು ಮುಂದೆ ಈ ಕೃತಿಯನ್ನು ಉಲ್ಲೇಖಿಸುವಾಗ ಸಹಗೂನನ ಹೆಸರಿನ ಜೊತೆಗೆ ವಲೆರಿಯಾನೊ, ವೆಗೆರಾನೊ, ಹಕೊಬೀತಾ, ಸಾನ್ ಬುವೆನವೆಂತೂರಾ ಎಂಬ ಹೆಸರುಗಳನ್ನೂ ಬರೆಯಬೇಕು.