ಹಿತ್ತಲಿನ ಕೆಂಡ: ಒಂದು ಊಟದ ಚರಿತ್ರೆ

ಜುಲೈ 4 ಅಮೆರಿಕದ ಸ್ವಾತಂತ್ರ್ಯ ದಿನ. ಅಂದು ಸಂಜೆ ಅಲ್ಲಿನ ಬಡಾವಣೆಗಳಲ್ಲಿ ಮನೆಗಳ ಹಿಂದಿನಿಂದ ಹೊಗೆ ಏಳುತ್ತದೆ. ಹಿತ್ತಲಿನ ಹುಲ್ಲಿನ ಮೇಲೆ ಮೂರು ಕಾಲಿನ ಒಂದು ದುಂಡನೆಯ ಒಲೆ. ಅದರಲ್ಲಿ ಬೂದಿ ಮುಸುಕಿದ ಕೆಂಡ, ಮೇಲೆ ಕಬ್ಬಿಣದ ಜಾಲರಿ, ಜಾಲರಿಯ ಮೇಲೆ ಬೆರಳಿಗಿಂತ ಸ್ವಲ್ಪ ದಪ್ಪನೆಯ ಸಾಸೇಜುಗಳು. ಪಕ್ಕದಲ್ಲಿ ಕಡ್ಡಿಗೆ ಪೋಣಿಸಿದ ಈರುಳ್ಳಿ, ದೊಣ್ಣೆ ಮೆಣಸಿನಕಾಯಿ, ಎಳೆಯ ಜೋಳದ ತೆನೆ. ಉದ್ದನೆಯ ಬನ್ನನ್ನು ಸೀಳಿ ಬೆಂದ ಸಾಸೇಜನ್ನು ಅದರೊಳಗಿಟ್ಟು, ಮೇಲೆ ಅರೆದ ಸಾಸಿವೆ, ಕೊಚ್ಚಿದ ಈರುಳ್ಳಿ, ಹುಳಿ ಹಿಡಿಸಿದ ಎಲೆಕೋಸು ಹರಡಿಕೊಂಡು ಜನ ನಿಂತೇ ತಿನ್ನುತ್ತಾರೆ.

ಇಷ್ಟು ಸರಳವಾದ ಊಟಕ್ಕೆ ಚರಿತ್ರೆ ಏನಿದ್ದೀತು ಎಂದು ನಿಮಗೆ ಅನ್ನಿಸಬಹುದು. ಯುದ್ಧಗಳನ್ನೂ ಒಪ್ಪಂದಗಳನ್ನೂ ಓದಿ ಪರೀಕ್ಷೆ ಬರೆಯುವ ನಮಗೆ ಒಲೆಯ ಮೇಲಿನದು ಇತಿಹಾಸವೆಂದು ತೋರುವುದೇ ಇಲ್ಲ. ಆದರೆ ಈ ಊಟಕ್ಕೆ ಮಾಂಸ ಬೇಕು, ಕೆಂಡ ಬೇಕು, ಹಿತ್ತಲೂ ಬೇಕು. ಇವು ಸಾಮಾನ್ಯ ಮನುಷ್ಯನ ಕೈಗೆ ಬಂದದ್ದು ಬೇರೆ ಬೇರೆ ಕಾಲದಲ್ಲಿ. ಹಿತ್ತಲಂತೂ ಎಲ್ಲಕ್ಕಿಂತ ತಡವಾಗಿ ಬಂತು; ಬಂದಾಗಲೂ ಎಲ್ಲರಿಗೂ ಸಿಗಲಿಲ್ಲ.

ಸಾಸೇಜು ಹುಟ್ಟಿದ್ದು ಏನನ್ನೂ ವ್ಯರ್ಥಮಾಡಬಾರದೆಂಬ ರೈತನ ಎಚ್ಚರದಿಂದ. ಒಂದು ಪ್ರಾಣಿಯನ್ನು ಕಡಿದಾಗ ಒಳ್ಳೆಯ ತುಂಡುಗಳು ಮೊದಲು ಖರ್ಚಾಗುತ್ತವೆ. ಉಳಿದ ಚೂರು, ಕೊಬ್ಬು, ರಕ್ತ ಇವನ್ನು ಉಪ್ಪು, ಮಸಾಲೆಯೊಡನೆ ಕೊಚ್ಚಿ, ತೊಳೆದು ಶುದ್ಧಮಾಡಿದ ಕರುಳಿನಲ್ಲಿ ತುಂಬಿ, ಒಣಗಿಸಿ ಅಥವಾ ಹೊಗೆಯಲ್ಲಿ ತೂಗುಹಾಕಿದರೆ ಚಳಿಗಾಲವೆಲ್ಲ ಬಾಳುತ್ತದೆ. ಸಾಸೇಜ್ ಎಂಬ ಮಾತಿನ ಬೇರು ಕೂಡ ‘ಉಪ್ಪು ಹಾಕಿದ್ದು’ ಎಂಬ ಅರ್ಥದ ಲ್ಯಾಟಿನ್ ಶಬ್ದದಲ್ಲಿದೆ. ಗ್ರೀಕ್ ಮಹಾಕವಿ ಹೋಮರನ ‘ಒಡಿಸ್ಸಿ’ಯಲ್ಲಿ, ನಿದ್ದೆ ಬಾರದೆ ಹೊರಳಾಡುವ ನಾಯಕನನ್ನು ಬೆಂಕಿಯ ಮುಂದೆ ತಿರುಗಿಸಿ ತಿರುಗಿಸಿ ಸುಡುವ ಇಂಥ ಮಾಂಸಕ್ಕೆ ಹೋಲಿಸಲಾಗಿದೆ. ಅಂದರೆ ಅಂದಿನ ಕೇಳುಗರಿಗೆ ಅದು ದಿನನಿತ್ಯದ ನೋಟವಾಗಿತ್ತು.

ನಮ್ಮ ನಾಡೂ ಇದನ್ನು ಬಲ್ಲದು. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 12ನೆಯ ಶತಮಾನದಲ್ಲಿ, ಈಗಿನ ಬೀದರ್ ಜಿಲ್ಲೆಯ ಬಸವಕಲ್ಯಾಣವನ್ನು ರಾಜಧಾನಿಯಾಗಿಟ್ಟುಕೊಂಡು ಆಳಿದವನು. ಅವನ ಸಂಸ್ಕೃತ ಗ್ರಂಥ ‘ಮಾನಸೋಲ್ಲಾಸ’ದ ಅನ್ನಭೋಗ ಎಂಬ ಭಾಗದಲ್ಲಿ ಕರುಳನ್ನು ತುಂಬಿ ಕೆಂಡದ ಮೇಲೆ ಸುಡುವ ಕ್ರಮವೂ ಬಂದಿದೆ. ಅರಮನೆಯ ಅಡುಗೆಯಾದ್ದರಿಂದ ಬರಹಕ್ಕೆ ಇಳಿಯಿತು. ಗುಡಿಸಲುಗಳಲ್ಲಿ ಏನು ಸುಡುತ್ತಿದ್ದರೆಂಬುದನ್ನು ಬರೆದಿಡುವವರು ಯಾರಿದ್ದರು? ಮಾಂಸ ಮುಟ್ಟದ ಮನೆಗಳಲ್ಲೂ ಕೆಂಡದಲ್ಲಿ ಬದನೆಕಾಯಿ ಸುಟ್ಟು ಗೊಜ್ಜು ಮಾಡುವುದು ನಿಮಗೆ ಗೊತ್ತೇ ಇದೆ. ಹೊರಗೆ ಕರಿಕಾಗಿ ಒಳಗೆ ಮೆತ್ತಗಾಗುವ ಆ ರುಚಿಯೇ ಅಮೆರಿಕದ ಹಿತ್ತಲಿನ ತರಕಾರಿಯದೂ.

ಜರ್ಮನಿಯ ತ್ಯೂರಿಂಗಿಯಾ ಪ್ರಾಂತದ ಆರ್ನ್‌ಸ್ಟಾಟ್ ಎಂಬ ಊರಿನ ಕ್ರೈಸ್ತ ಸಂನ್ಯಾಸಿನಿಯರ ಮಠವೊಂದರ 1404ರ ಲೆಕ್ಕಪುಸ್ತಕದಲ್ಲಿ, ಸುಡುವ ಸಾಸೇಜಿಗೆ ಬೇಕಾದ ಕರುಳಿಗೆ ಒಂದು ಗ್ರೋಶನ್ ನಾಣ್ಯ ಕೊಟ್ಟ ದಾಖಲೆ ಇದೆ. ಒಂದು ಖರ್ಚಿನ ಸಾಲು ಆರು ಶತಮಾನ ದಾಟಿ ಉಳಿದು ಬಂದಿದೆ! ಚರಿತ್ರೆಯ ವಿದ್ಯಾರ್ಥಿಗಳು ಹಳೆಯ ಲೆಕ್ಕದ ಪುಸ್ತಕಗಳನ್ನು ಕಡೆಗಣಿಸಬಾರದು.

ಹತ್ತೊಂಬತ್ತನೆಯ ಶತಮಾನದಲ್ಲಿ, ಅದರಲ್ಲೂ 1848ರ ಕ್ರಾಂತಿ ವಿಫಲವಾದ ಮೇಲೆ, ಜರ್ಮನರು ದೊಡ್ಡ ಸಂಖ್ಯೆಯಲ್ಲಿ ಅಮೆರಿಕಕ್ಕೆ ವಲಸೆ ಹೋದರು. ಅವರ ಜೊತೆ ಸಾಸೇಜೂ ಹಡಗು ಹತ್ತಿತು. ನ್ಯೂಯಾರ್ಕಿನ ಕೋನಿ ಐಲೆಂಡ್ ಕಡಲತೀರದಲ್ಲಿ ಚಾರ್ಲ್ಸ್ ಫೆಲ್ಟ್‌ಮನ್ ಎಂಬ ಜರ್ಮನ್ ವಲಸಿಗ ಅದನ್ನು ಬನ್ನಿನಲ್ಲಿಟ್ಟು ಮಾರಿ ಶ್ರೀಮಂತನಾದ. 1916ರಲ್ಲಿ ಅದೇ ತೀರದಲ್ಲಿ ಪೋಲೆಂಡಿನಿಂದ ಬಂದ ಯಹೂದಿ ನೇಥನ್ ಹ್ಯಾಂಡ್‌ವರ್ಕರ್, ಫೆಲ್ಟ್‌ಮನ್ನನ ಹತ್ತು ಸೆಂಟಿನ ತಿನಿಸನ್ನು ಐದು ಸೆಂಟಿಗೆ ಕೊಟ್ಟ. ಅಷ್ಟರಲ್ಲಿ ಅದಕ್ಕೆ ‘ಹಾಟ್ ಡಾಗ್’ ಎಂಬ ಹೆಸರು ಅಂಟಿಕೊಂಡಿತ್ತು. ಒಳಗೆ ಯಾವ ಮಾಂಸವಿದೆಯೋ ಎಂಬ ವಿದ್ಯಾರ್ಥಿಗಳ ಕುಚೋದ್ಯದಲ್ಲಿ ಈ ಹೆಸರು ಚಲಾವಣೆಗೆ ಬಂತು. 1890ರ ದಶಕದ ಕಾಲೇಜು ಪತ್ರಿಕೆಗಳಲ್ಲೇ ಅದು ಸಿಗುತ್ತದೆ. ಒಬ್ಬ ವ್ಯಂಗ್ಯಚಿತ್ರಕಾರ ಕಾಗುಣಿತ ತಿಳಿಯದೆ ಹಾಗೆ ಬರೆದನೆಂಬ ಪ್ರಸಿದ್ಧ ಕಥೆ ಬರೀ ಕಟ್ಟುಕಥೆ.

ಕುಚೋದ್ಯದ ಹಿಂದೆ ನಿಜವಾದ ಭಯವಿತ್ತು. 1865ರ ಕ್ರಿಸ್‌ಮಸ್ ದಿನ ಶಿಕಾಗೋದಲ್ಲಿ ಯೂನಿಯನ್ ಸ್ಟಾಕ್ ಯಾರ್ಡ್ಸ್ ಎಂಬ ಬೃಹತ್ ಜಾನುವಾರು ಮಾರುಕಟ್ಟೆ ತೆರೆಯಿತು. ಸುತ್ತ ಎದ್ದ ಕಾರ್ಖಾನೆಗಳಲ್ಲಿ ಕಡಿದ ಪ್ರಾಣಿಗಳು ತಲೆಯ ಮೇಲಿನ ಹಳಿಗೆ ತೂಗುಬಿದ್ದು ಸಾಗುತ್ತಿದ್ದವು. ಒಬ್ಬೊಬ್ಬ ಕಾರ್ಮಿಕ ದಿನವಿಡೀ ಒಂದೊಂದೇ ಕೊಯ್ತ ಕೊಯ್ಯುತ್ತಿದ್ದ. 1904ರಲ್ಲಿ ಅಪ್ಟನ್ ಸಿಂಕ್ಲೇರ್ ಎಂಬ ಯುವ ಲೇಖಕ ಏಳು ವಾರ ಆ ಕಾರ್ಮಿಕರ ನಡುವೆ ಓಡಾಡಿದ. 1906ರಲ್ಲಿ ಅವನ ‘ದಿ ಜಂಗಲ್’ ಕಾದಂಬರಿ ಪುಸ್ತಕವಾಗಿ ಬಂತು. ಲಿಥುವೇನಿಯದಿಂದ ವಲಸೆ ಬಂದ ಒಂದು ಕುಟುಂಬ ಆ ಕಾರ್ಖಾನೆಗಳಲ್ಲಿ ನುಚ್ಚುನೂರಾಗುವ ಕಥೆ ಅದು. ಅದರಲ್ಲಿ ಹಾಳಾದ ಮಾಂಸವೂ ಇಲಿಗಳೂ ಸಾಸೇಜಿನ ಯಂತ್ರಕ್ಕೆ ಬೀಳುವ ಕೆಲವು ಪುಟಗಳಿದ್ದವು. ಓದುಗರು ಹೌಹಾರಿದರು. ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್ ತನಿಖೆ ಮಾಡಿಸಿದ. ಅದೇ ವರ್ಷ ಜೂನ್ 30ರಂದು ಮಾಂಸ ತಪಾಸಣೆಯ ಕಾಯಿದೆಯೂ ಶುದ್ಧ ಆಹಾರದ ಕಾಯಿದೆಯೂ ಅಧ್ಯಕ್ಷನ ಅಂಕಿತ ಪಡೆದವು. ಸಿಂಕ್ಲೇರನಿಗೆ ಮಾತ್ರ ಸಮಾಧಾನವಾಗಲಿಲ್ಲ. ತಾನು ಗುರಿಯಿಟ್ಟದ್ದು ಜನರ ಹೃದಯಕ್ಕೆ, ಏಟು ಬಿದ್ದದ್ದು ಹೊಟ್ಟೆಗೆ ಎಂದು ಅವನು ಹಳಹಳಿಸಿದ. ತಿನ್ನುವವರಿಗೆ ರಕ್ಷಣೆ ಸಿಕ್ಕಿತು; ಕೊಯ್ಯುವವರ ಪಾಡು ಬಹುಮಟ್ಟಿಗೆ ಇದ್ದಂತೆಯೇ ಇತ್ತು.

ಇನ್ನು ಮೇಲೆ ಹಾಕಿಕೊಳ್ಳುವ ವಸ್ತುಗಳು. ಅಮೆರಿಕದ ಹಾಟ್ ಡಾಗಿನ ಮೇಲಿನ ಸಾಸಿವೆಯ ಗೊಜ್ಜು ಹಳದಿ ಬಣ್ಣದ್ದು. ಆ ಬಣ್ಣ ಸಾಸಿವೆಯದಲ್ಲ, ನಮ್ಮ ಅರಿಶಿನದ್ದು. ಟೊಮೆಟೊ ಕೆಚಪ್ಪಿನ ಹೆಸರು ಹುಟ್ಟಿದ್ದು ದಕ್ಷಿಣ ಚೀನಾದ ಮೀನಿನ ರಸವೊಂದರಿಂದ. ಟೊಮೆಟೊ ಅದಕ್ಕೆ ಸೇರಿದ್ದು ಬಹಳ ಮುಂದೆ. ಹುಳಿ ಎಲೆಕೋಸು ಜರ್ಮನರದು. ಮೊದಲ ಮಹಾಯುದ್ಧದಲ್ಲಿ ಜರ್ಮನಿ ಶತ್ರುವಾದಾಗ ಅಮೆರಿಕನ್ನರು ಅದಕ್ಕೆ ‘ಸ್ವಾತಂತ್ರ್ಯದ ಎಲೆಕೋಸು’ ಎಂದು ಮರುನಾಮಕರಣ ಮಾಡಿ ತಿಂದರು! 1930ರ ದಶಕದ ಆರ್ಥಿಕ ಮುಗ್ಗಟ್ಟಿನಲ್ಲಿ ಶಿಕಾಗೋದ ತಳ್ಳುಗಾಡಿಯವರು ಸಾಸೇಜಿನ ಮೇಲೆ ಈರುಳ್ಳಿ, ಟೊಮೆಟೊ ಹೋಳು, ಸೌತೆಕಾಯಿ ಉಪ್ಪಿನಕಾಯಿ, ಹಸಿಮೆಣಸು ಹೇರಿ ಐದು ಸೆಂಟಿಗೆ ಮಾರುತ್ತಿದ್ದರು. ಮಾಂಸ ತುಟ್ಟಿ, ತರಕಾರಿ ಅಗ್ಗ. ಇವತ್ತು ಬೆಡಗೆನಿಸುವ ಆ ಅಲಂಕಾರ ಅಂದು ಬಡವನ ಹೊಟ್ಟೆ ತುಂಬಿಸಿದ ಉಪಾಯ.

ಕೆಂಡದ ಕಥೆಯೂ ಶಿಕಾಗೋದಿಂದಲೇ ಶುರುವಾಗುತ್ತದೆ. ಅಲ್ಲಿನ ಕಸಾಯಿಖಾನೆಗಳ ತೂಗುಹಳಿಯಿಂದ ತನಗೆ ಕಾರು ಜೋಡಿಸುವ ಸಾಲಿನ ಕಲ್ಪನೆ ಹೊಳೆಯಿತೆಂದು ಹೆನ್ರಿ ಫೋರ್ಡ್ ತನ್ನ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾನೆ. ಅವನ ‘ಮಾಡೆಲ್ ಟಿ’ ಕಾರಿಗೆ ಮರ ಬಹಳ ಬೇಕಿತ್ತು. 1920ರಲ್ಲಿ ಮಿಶಿಗನ್ ರಾಜ್ಯದ ಉತ್ತರದಲ್ಲಿ ಮೂರು ಲಕ್ಷ ಎಕರೆಗೂ ಹೆಚ್ಚು ಕಾಡು ಕೊಂಡು ಗರಗಸದ ಕಾರ್ಖಾನೆ ಹಾಕಿದ. ಚೆಕ್ಕೆ, ಹೊಟ್ಟು ರಾಶಿಬಿದ್ದವು. ಪೋಲು ಕಂಡರಾಗದ ಫೋರ್ಡ್ ಅದನ್ನು ಗಾಳಿ ತಾಗದಂತೆ ಸುಟ್ಟು ಇದ್ದಿಲು ಮಾಡಿಸಿ, ಪುಡಿಗೆ ಗಂಜಿ ಕಲಸಿ, ಪುಟ್ಟ ದಿಂಬಿನಾಕಾರದ ಬಿಲ್ಲೆಗಳಾಗಿ ಒತ್ತಿಸಿದ. ಈ ಬಿಲ್ಲೆಯ ವಿನ್ಯಾಸಕ್ಕೆ 1897ರಲ್ಲೇ ಬೇರೊಬ್ಬರು ಹಕ್ಕುಪತ್ರ ಪಡೆದಿದ್ದರು. ಫೋರ್ಡ್ ಮಾಡಿದ್ದು ಅದನ್ನು ಮನೆಮನೆಗೆ ಮುಟ್ಟಿಸುವ ಕೆಲಸ. ಕಾರು ಮಾರುವ ಅಂಗಡಿಯಲ್ಲೇ ಇದ್ದಿಲ ಚೀಲವೂ ಸಿಗುತ್ತಿತ್ತು. ಕಾರು ಕೊಂಡವರು ಊರಾಚೆ ಹೋಗುತ್ತಾರೆ, ಹೋದವರಿಗೆ ಹಸಿವಾಗುತ್ತದೆ ಎಂಬುದು ಅವನ ಲೆಕ್ಕ. ಕಾರ್ಖಾನೆಯ ಸುತ್ತ ಬೆಳೆದ ಊರಿನ ಹೆಸರು ಕಿಂಗ್ಸ್‌ಫರ್ಡ್. 1951ರಲ್ಲಿ ಫೋರ್ಡ್ ಕಂಪನಿ ಆ ವ್ಯವಹಾರ ಮಾರಿದ ಮೇಲೆ ಇದ್ದಿಲಿಗೂ ಅದೇ ಹೆಸರಾಯಿತು.

1939ರ ಜೂನ್ 11ರಂದು ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ತನ್ನ ಹೈಡ್ ಪಾರ್ಕ್ ಮನೆಯ ಬಳಿ ಬ್ರಿಟನ್ನಿನ ದೊರೆ ಆರನೆಯ ಜಾರ್ಜ್ ದಂಪತಿಗಳಿಗೆ ವನಭೋಜನ ಏರ್ಪಡಿಸಿ ಹಾಟ್ ಡಾಗ್ ಬಡಿಸಿದ. ಆಗ ಭಾರತಕ್ಕೂ ಚಕ್ರವರ್ತಿಯಾಗಿದ್ದವನು ಅದೇ ಜಾರ್ಜ್. ಮೂರು ತಿಂಗಳೊಳಗೆ ಬ್ರಿಟನ್ ಯುದ್ಧಕ್ಕಿಳಿಯಿತು.

ಯುದ್ಧ ಮುಗಿಸಿ ಬಂದ ಲಕ್ಷಾಂತರ ಸೈನಿಕರಿಗೆ ಮನೆ ಬೇಕಿತ್ತು. 1944ರ ಕಾಯಿದೆಯಂತೆ ಅವರ ಸಾಲಕ್ಕೆ ಸರ್ಕಾರದ ಖಾತರಿ ಇತ್ತು. ವಿಲಿಯಂ ಲೆವಿಟ್ ಎಂಬ ಗುತ್ತಿಗೆದಾರ 1947ರಲ್ಲಿ ನ್ಯೂಯಾರ್ಕಿನ ಬಳಿ ಆಲೂಗೆಡ್ಡೆ ಹೊಲಗಳಲ್ಲಿ ಒಂದೇ ಬಗೆಯ ಮನೆಗಳನ್ನು ಸಾಲಾಗಿ ಕಟ್ಟತೊಡಗಿದ. 1951ರ ಹೊತ್ತಿಗೆ 17 ಸಾವಿರಕ್ಕೂ ಹೆಚ್ಚು ಮನೆಗಳ ಲೆವಿಟೌನ್ ಎದ್ದಿತು. ಒಂದೊಂದು ನಿವೇಶನ ಸುಮಾರು 60 ಅಡಿಗೆ 100 ಅಡಿ. ಎಂದರೆ ಗುಮಾಸ್ತನಿಗೂ ಕಾರ್ಮಿಕನಿಗೂ ಒಂದು ಹಿತ್ತಲು. 1952ರಲ್ಲಿ ಶಿಕಾಗೋ ಬಳಿಯ ಲೋಹದ ಕಾರ್ಖಾನೆಯೊಂದರಲ್ಲಿದ್ದ ಜಾರ್ಜ್ ಸ್ಟೀಫನ್, ಹಡಗುಗಳಿಗೆ ದಾರಿ ತೋರಲು ಕೆರೆಯಲ್ಲಿ ತೇಲಿಬಿಡುವ ಲೋಹದ ದೊಡ್ಡ ಗುಂಡನ್ನು ನಡುವೆ ಕತ್ತರಿಸಿದ. ಕೆಳಗಿನ ಅರ್ಧಕ್ಕೆ ಮೂರು ಕಾಲು, ಮೇಲಿನದು ಮುಚ್ಚಳ. ತೆರೆದ ಒಲೆಯಲ್ಲಿ ಕೊಬ್ಬು ಕೆಂಡಕ್ಕೆ ಬಿದ್ದರೆ ಜ್ವಾಲೆ ಏಳುತ್ತದೆ, ಸಾಸೇಜಿನ ಸಿಪ್ಪೆ ಸಿಡಿದು ಹೊರಗೆ ಕರಿ, ಒಳಗೆ ಹಸಿ. ಮುಚ್ಚಳ ಹಾಕಿ ಗಾಳಿಕಿಂಡಿ ಕಿರಿದುಮಾಡಿದರೆ ಜ್ವಾಲೆ ಅಡಗಿ ಸುತ್ತಲೂ ಹದವಾದ ಕಾವು ಹರಡುತ್ತದೆ. ಬಲ್ಲವರು ಕೆಂಡವನ್ನು ಒಂದು ಬದಿಗೆ ಸರಿಸಿ, ಇನ್ನೊಂದು ಬದಿಯಲ್ಲಿ ಸಾಸೇಜನ್ನು ಒಳಗಿನ ಶಾಖ 71 ಡಿಗ್ರಿ ಸೆಲ್ಸಿಯಸ್ ಮುಟ್ಟುವವರೆಗೆ ನಿಧಾನ ಬೇಯಿಸಿ, ಕೊನೆಯಲ್ಲಿ ಮಾತ್ರ ಕೆಂಡದ ಮೇಲೆ ಕೆಂಪಗೆ ಮಾಡುತ್ತಾರೆ. (ಸಂಸ್ಕರಿಸಿದ ಮಾಂಸ ಕ್ಯಾನ್ಸರಿಗೆ ಕಾರಣವಾಗುತ್ತದೆಂದು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಮಂಡಲಿ 2015ರಲ್ಲಿ ಸಾರಿತು, ಹಬ್ಬಕ್ಕೊಮ್ಮೆ ತಿನ್ನುವುದು ಬೇರೆ, ದಿನವೂ ತಿನ್ನುವುದು ಬೇರೆ.)

ಆದರೆ ಲೆವಿಟೌನಿನ ಮೊದಲ ಕರಾರುಪತ್ರಗಳಲ್ಲಿ ಒಂದು ಷರತ್ತಿತ್ತು: ಬಿಳಿಯರಲ್ಲದವರು ಇಲ್ಲಿ ವಾಸಿಸಕೂಡದು, ಮನೆಯಾಳುಗಳ ಹೊರತು. ಅಮೆರಿಕದ ದಕ್ಷಿಣದಲ್ಲಿ ತಲೆಮಾರುಗಳಿಂದ ಕೆಂಡದ ಮುಂದೆ ರಾತ್ರಿಯೆಲ್ಲ ನಿಂತು ಮಾಂಸ ಸುಡುವ ವಿದ್ಯೆಯನ್ನು ಬೆಳೆಸಿದವರಲ್ಲಿ ಮುಂದಾಳುಗಳು ಗುಲಾಮರಾಗಿದ್ದ ಕಪ್ಪು ಜನ. ಅವರ ಮೊಮ್ಮಕ್ಕಳು ಯುದ್ಧದಲ್ಲಿ ಹೋರಾಡಿ ಬಂದಿದ್ದರೂ ಈ ಹಿತ್ತಲುಗಳ ಬೇಲಿಯಾಚೆ ಉಳಿದರು. 1948ರಲ್ಲಿ ಸುಪ್ರೀಂ ಕೋರ್ಟು ಇಂಥ ಷರತ್ತುಗಳನ್ನು ನ್ಯಾಯಾಲಯಗಳು ಜಾರಿಗೊಳಿಸುವಂತಿಲ್ಲವೆಂದು ತೀರ್ಪಿತ್ತಿತು. ಪದ್ಧತಿ ಮಾತ್ರ ಮುಂದುವರಿಯಿತು.

1957ರ ಆಗಸ್ಟಿನಲ್ಲಿ, ಪೆನ್ಸಿಲ್ವೇನಿಯದಲ್ಲಿ ಲೆವಿಟ್ ಕಟ್ಟಿದ್ದ ಇನ್ನೊಂದು ಲೆವಿಟೌನಿಗೆ ವಿಲಿಯಂ ಮತ್ತು ಡೈಸಿ ಮೈಯರ್ಸ್ ದಂಪತಿಗಳು ಮಕ್ಕಳೊಡನೆ ಬಂದರು. ಮನೆಯನ್ನು ಹಿಂದಿನ ಮಾಲೀಕರಿಂದ ಕೊಂಡಿದ್ದರು. ವಿಲಿಯಂ ಸೈನ್ಯದಲ್ಲಿ ಸೇವೆ ಮಾಡಿದ್ದವನು. ಅವರೇ ಅಲ್ಲಿನ ಮೊದಲ ಕಪ್ಪು ಕುಟುಂಬ. ಸುದ್ದಿ ಹರಡಿದ್ದೇ ತಡ, ನೂರಾರು ಜನ ಮನೆಯ ಮುಂದೆ ಸೇರಿದರು. ಕಲ್ಲು ಬಿದ್ದು ಮುಂದಿನ ಕಿಟಕಿಯ ಗಾಜು ಒಡೆಯಿತು. ಹಿತ್ತಲಿನ ಕಡೆಯ ಖಾಲಿ ಮನೆಯೊಂದರಲ್ಲಿ ವಿರೋಧಿಗಳು ಕೂಟ ಕಟ್ಟಿ ಹಗಲೂ ರಾತ್ರಿ ಗದ್ದಲ ಮಾಡಿದರು. ಕಾವಲಿಗೆ ರಾಜ್ಯದ ಪೊಲೀಸರು ಬರಬೇಕಾಯಿತು. ಜೊತೆಗೆ ನಿಂತ ನೆರೆಯವರೂ ಇದ್ದರು. ಅವರಿಗೂ ಬೆದರಿಕೆ ತಪ್ಪಲಿಲ್ಲ. ಮೈಯರ್ಸ್ ಕುಟುಂಬ ತಕ್ಷಣ ಜಾಗ ಬಿಡಲಿಲ್ಲ, 1961ರವರೆಗೆ ಅಲ್ಲೇ ಬಾಳಿತು. ಮನೆ ಮಾರುವಾಗ, ಬಾಡಿಗೆಗೆ ಕೊಡುವಾಗ ಬಣ್ಣ ನೋಡುವುದನ್ನು ನಿಷೇಧಿಸುವ ಕಾಯಿದೆ ಬಂದದ್ದು 1968ರ ಏಪ್ರಿಲಿನಲ್ಲಿ, ಮಾರ್ಟಿನ್ ಲೂಥರ್ ಕಿಂಗ್ ಹತ್ಯೆಯಾದ ಒಂದು ವಾರಕ್ಕೆ.

1999ರಲ್ಲಿ ಆ ಪ್ರದೇಶದ ಮೇಯರ್ ಡೈಸಿ ಮೈಯರ್ಸರನ್ನು ಊರಿಗೆ ಕರೆಸಿ ಎಲ್ಲರೆದುರು ಕ್ಷಮೆ ಕೇಳಿದರು. ವಿಲಿಯಂ ತೀರಿಕೊಂಡು ಆಗ ಹನ್ನೆರಡು ವರ್ಷವಾಗಿತ್ತು.